ಇಂಜಿನ್ ಓಡುವಾಗ ಬ್ಯಾಟರಿ ಟರ್ಮಿನಲ್ ಕೀಳಲು ಬಿಡಬೇಡಿ: ಒಂದು ಡಯೋಡು ಎರಡು ಬ್ಯಾಟರಿ ತಿಂದ ಬಗೆ

ಏಳು ವರ್ಷ ಹಳೆಯ ಪೆಟ್ರೋಲ್ ಹ್ಯಾಚ್‌ಬ್ಯಾಕ್. ಒಂದು ಬೆಳಗ್ಗೆ ಸೆಲ್ಫ್ ತಗೊಳ್ಳಲಿಲ್ಲ, ಕಟ್ ಕಟ್ ಅಂದು ಸುಮ್ಮನಾಯಿತು. ಪಕ್ಕದ ಮನೆಯ ಕಾರಿನಿಂದ ಜಂಪ್ ಕೊಟ್ಟು ಗ್ಯಾರೇಜಿಗೆ ಒಯ್ದರು. ಅಲ್ಲಿ ಇಂಜಿನ್ ಓಡುತ್ತಿದ್ದಂತೆಯೇ ಬ್ಯಾಟರಿಯ ನೆಗೆಟಿವ್ ಕ್ಲಾಂಪ್ ಸಡಿಲಿಸಿ ಮೇಲಕ್ಕೆತ್ತಿದರು. ಇಂಜಿನ್ ನಿಲ್ಲಲಿಲ್ಲ. "ಡೈನಮೋ ಚೆನ್ನಾಗಿದೆ, ಬ್ಯಾಟರಿ ಹೋಗಿದೆ" ಎಂದು ತೀರ್ಪು ಬಂತು, ಹೊಸ ಬ್ಯಾಟರಿ ಕೂತಿತು. ನಾಲ್ಕನೇ ತಿಂಗಳಿಗೆ ಅದೂ ಮಲಗಿತು. ವಾರಂಟಿ ಕೇಳಲು ಹೋದರೆ, ಬ್ಯಾಟರಿಯಲ್ಲಿ ದೋಷವಿಲ್ಲ, ಗಾಡಿಯೇ ಚಾರ್ಜ್ ಕೊಡುತ್ತಿಲ್ಲ ಎಂದು ವಾಪಸ್ ಕಳಿಸಿದರು. ಸತ್ಯ ಹೇಳಿದ್ದು ಅವರೊಬ್ಬರೇ, ಆದರೆ ಆ ಹೊತ್ತಿಗೆ ಅದು ನುಣುಚಿಕೊಳ್ಳುವ ಮಾತಿನ ಹಾಗೆ ಕೇಳಿಸಿತು. ಮತ್ತೊಂದು ಬ್ಯಾಟರಿ ಬಂತು. ಮಳೆಗಾಲದ ಒಂದು ರಾತ್ರಿ ಸಕಲೇಶಪುರ ದಾಟಿ ಶಿರಾಡಿ ಘಾಟಿ ಇಳಿಯುವಾಗ ವೈಪರ್ ತೆವಳತೊಡಗಿತು, ಹೆಡ್‌ಲೈಟ್ ಸೀಮೆಎಣ್ಣೆ ಬುಡ್ಡಿಯಾಯಿತು, ಸ್ಟೀರಿಂಗ್ ಬಿಗಿಯಿತು. ಗುಂಡ್ಯ ಸಿಗುವ ಮೊದಲೇ ಇಂಜಿನ್ ನಿಂತಿತು.

ಅಲ್ಟರ್ನೇಟರ್ (ಗ್ಯಾರೇಜಿನವರು ಡೈನಮೋ ಎನ್ನುವ, ಬ್ಯಾಟರಿ ತುಂಬುವ ಯಂತ್ರ) ಬಿಚ್ಚಿದಾಗ ಸಿಕ್ಕಿದ್ದು ಇಷ್ಟು: ಎಸಿ ಕರೆಂಟನ್ನು ಡಿಸಿ ಮಾಡುವ ರೆಕ್ಟಿಫೈಯರ್ ಪ್ಲೇಟಿನಲ್ಲಿ, ಕರೆಂಟನ್ನು ಒಂದೇ ದಿಕ್ಕಿಗೆ ಬಿಡಬೇಕಾದ ಡಯೋಡುಗಳ ಪೈಕಿ ಒಂದು ಓಪನ್ (ಕರೆಂಟು ಬಿಡುವುದೇ ಇಲ್ಲ), ಇನ್ನೊಂದು ಶಾರ್ಟ್ (ಎರಡೂ ದಿಕ್ಕಿಗೆ ಬಿಡುತ್ತದೆ). ಬ್ರಶ್, ಬೇರಿಂಗ್, ತಿರುಗುವ ಸುರುಳಿಯಾದ ರೋಟರ್ ಎಲ್ಲ ಸರಿಯಿದ್ದವು. ಡ್ಯಾಶ್‌ಬೋರ್ಡಿನ ಬ್ಯಾಟರಿ ದೀಪ ತಿಂಗಳುಗಟ್ಟಲೆ ಮಂಕಾಗಿ ಉರಿಯುತ್ತಿತ್ತಂತೆ. ಹಗಲಲ್ಲಿ ಕಾಣುತ್ತಿರಲಿಲ್ಲ, ರಾತ್ರಿ ಕಂಡರೂ ಪೂರ್ತಿ ಹತ್ತಿಲ್ಲವಲ್ಲ ಎಂದು ಬಿಟ್ಟಿದ್ದರು. ಈ ದೀಪ ಅರೆಬರೆ ಉರಿಯುವುದು ಡಯೋಡು ಹೋದದ್ದಕ್ಕೆ ಇರುವ ಅತ್ಯಂತ ಹಳೆಯ ಗುರುತುಗಳಲ್ಲೊಂದು. ಪೂರ್ತಿ ಉರಿದರೆ ಚಾರ್ಜಿಂಗ್ ನಿಂತಿದೆ ಎಂದರ್ಥ, ಮಂಕಾಗಿ ಉರಿದರೆ ಅರ್ಧ ನಿಂತಿದೆ.

ಈಗ ಆ ಟರ್ಮಿನಲ್ ಕೀಳುವ ಪರೀಕ್ಷೆಯ ವಿಷಯ. ಇದು ನಿಜವಾದ ಡೈನಮೋ ಕಾಲದ ಪಳೆಯುಳಿಕೆ. ಹೆಸರು ಇವತ್ತಿಗೂ ಗ್ಯಾರೇಜುಗಳಲ್ಲಿ ಡೈನಮೋ ಎಂದೇ ಉಳಿದಿದೆ, ಅದರ ಜೊತೆಗೆ ಈ ಚಾಳಿಯೂ ಉಳಿದುಬಿಟ್ಟಿದೆ. ಇಂದಿನ ಕಾರಿನಲ್ಲಿ ಬ್ಯಾಟರಿಯೇ ವೋಲ್ಟೇಜಿನ ಆಘಾತ ಹೀರುವ ಮೆತ್ತೆ. ಅಲ್ಟರ್ನೇಟರ್ 30–40 ಆಂಪ್ ತುಂಬುತ್ತಿರುವಾಗ ಬ್ಯಾಟರಿಯನ್ನು ಫಕ್ಕನೆ ಕಿತ್ತರೆ, ರೋಟರಿನ ಕಾಂತಕ್ಷೇತ್ರ ಇಳಿಯಲು ಬೇಕಾದ ಆ ಕ್ಷಣಾರ್ಧದಲ್ಲಿ ವೋಲ್ಟೇಜ್ 14ರಿಂದ ಹತ್ತಾರು ವೋಲ್ಟ್ ಮೇಲಕ್ಕೆ ಚಿಮ್ಮುತ್ತದೆ. ವೋಲ್ಟೇಜನ್ನು ಹದದಲ್ಲಿಡುವ ರೆಗ್ಯುಲೇಟರ್, ಡಯೋಡುಗಳು, ಇಸಿಯು (ಇಂಜಿನಿನ ಕಂಪ್ಯೂಟರ್), ಮ್ಯೂಸಿಕ್ ಸಿಸ್ಟಮ್, ಮೀಟರ್ ಕನ್ಸೋಲ್ ಎಲ್ಲಕ್ಕೂ ಆ ಪೆಟ್ಟು ಬೀಳುತ್ತದೆ. ಇಷ್ಟು ಅಪಾಯ ಮೈಮೇಲೆ ಎಳೆದುಕೊಂಡರೂ ಉತ್ತರ ತಪ್ಪೇ ಬರಬಹುದು: ಒಂದು ಡಯೋಡು ಓಪನ್ ಆದ ಅಲ್ಟರ್ನೇಟರ್ ಕೂಡ ಐಡಲಿಂಗಿನಲ್ಲಿ ಇಂಜಿನ್ ಓಡುವಷ್ಟು ಕರೆಂಟು ಕೊಡುತ್ತದೆ. ಈ ಕಾರಿನ ಎರಡನೇ ಡಯೋಡು ಆ ಪೆಟ್ಟಿಗೇ ಹೋಯಿತೋ, ಆಮೇಲೆ ಬಿಸಿಗೆ ಹೋಯಿತೋ, ಎರಡೂ ಸಾಧ್ಯ. ಯಾರಾದರೂ ಹತ್ತು ನಂಬರ್ ಸ್ಪ್ಯಾನರ್ ಹಿಡಿದು ಓಡುತ್ತಿರುವ ಇಂಜಿನ್ ಹತ್ತಿರ ಬಂದರೆ ಮೊದಲು ಕೀಲಿ ತಿರುಗಿಸಿ ಇಂಜಿನ್ ಆಫ್ ಮಾಡಿ, ಮಾತು ಆಮೇಲೆ.

ಸರಿಯಾದ ಪರೀಕ್ಷೆಗೆ ಬೇಕಾಗುವುದು ಒಂದು ಡಿಜಿಟಲ್ ಮಲ್ಟಿಮೀಟರ್, ಒಂದಿಷ್ಟು ತಾಳ್ಮೆ.

ರಾತ್ರಿಯಿಡೀ ನಿಂತ ಕಾರಿನ ಬ್ಯಾಟರಿಯನ್ನು ಬೆಳಗ್ಗೆ ಬಾಗಿಲು ತೆಗೆದು ಮುಚ್ಚುವ ಗದ್ದಲವಿಲ್ಲದೆ ಅಳೆಯಿರಿ. 12.6 ವೋಲ್ಟ್ ಇದ್ದರೆ ತುಂಬಿದೆ, 12.4 ಅಂದರೆ ಮುಕ್ಕಾಲು, 12.2 ಅಂದರೆ ಅರ್ಧ, 11.9ಕ್ಕೆ ಇಳಿದಿದ್ದರೆ ಖಾಲಿ. ಆಗತಾನೆ ಓಡಿಸಿ ನಿಲ್ಲಿಸಿದ ಕಾರಿನಲ್ಲಿ 12.9 ಬಂದರೆ ಹಿಗ್ಗಬೇಡಿ, ಅದು ಪ್ಲೇಟಿನ ಮೇಲ್ಮೈಯ ಚಾರ್ಜು. ಎರಡು ನಿಮಿಷ ಹೆಡ್‌ಲೈಟ್ ಉರಿಸಿ, ಆರಿಸಿ, ಮತ್ತೆ ನೋಡಿ. ಸೆಲ್ಫ್ ಹೊಡೆಯುವಾಗ ವೋಲ್ಟೇಜ್ 9.6ಕ್ಕಿಂತ ಕೆಳಗೆ ಕುಸಿದರೆ ಬ್ಯಾಟರಿ ಸೋತಿದೆ ಅಥವಾ ಖಾಲಿಯಿದೆ. ಎರಡರಲ್ಲಿ ಯಾವುದು ಎಂದು ತಿಳಿಯಲು ಮೊದಲು ಚಾರ್ಜರಿಗೆ ಹಾಕಿ ಪೂರ್ತಿ ತುಂಬಿಸಿ ಮತ್ತೆ ನೋಡಬೇಕು. ಖಾಲಿ ಬ್ಯಾಟರಿಯನ್ನು ಹೋದ ಬ್ಯಾಟರಿ ಎಂದು ಮಾರುವ ಅಂಗಡಿಗಳಿಗೆ ಬರಗಾಲವಿಲ್ಲ.

ಇಂಜಿನ್ ಸ್ಟಾರ್ಟ್ ಮಾಡಿ, ಆರ್‌ಪಿಎಂ 1,500ರ ಆಸುಪಾಸಿನಲ್ಲಿಟ್ಟು ಬ್ಯಾಟರಿಯ ಮೇಲೆಯೇ ಅಳೆಯಿರಿ. 13.5ರಿಂದ 14.7 ಬರಬೇಕು. ಹೆಚ್ಚಿನವರು ಇಲ್ಲಿಗೆ ನಿಲ್ಲಿಸುತ್ತಾರೆ, ತಪ್ಪುವುದೂ ಇಲ್ಲೇ. ಶಿರಾಡಿಯಲ್ಲಿ ನಿಂತ ಕಾರು ಕೂಡ ಏನೂ ಹಚ್ಚದಿದ್ದಾಗ 13.6 ತೋರಿಸುತ್ತಿತ್ತು. ಹೆಡ್‌ಲೈಟ್ ಹೈ ಬೀಮ್, ಬ್ಲೋವರ್ ಫುಲ್, ಏಸಿ, ಹಿಂದಿನ ಗಾಜಿನ ಡಿಫಾಗರ್ ಎಲ್ಲ ಹಚ್ಚಿ, ಆರ್‌ಪಿಎಂ 2,000ಕ್ಕೆ ಏರಿಸಿ. ಆಗಲೂ 13.3ಕ್ಕಿಂತ ಮೇಲೆ ನಿಲ್ಲಬೇಕು. ಆ ಕಾರಿನಲ್ಲಿ 12.4ಕ್ಕೆ ಜಾರಿತು. ಲೋಡ್ ಹಾಕಿದಾಗ ಅಲ್ಟರ್ನೇಟರಿನಿಂದ ಗುಂಯ್‌ಗುಡುವ ಸದ್ದು, ರೇಡಿಯೋದಲ್ಲಿ ಆಕ್ಸಲರೇಟರ್ ಜೊತೆ ಏರಿಳಿಯುವ ಕಿರುಗುಟ್ಟುವಿಕೆ ಬೇರೆ. ವೋಲ್ಟೇಜ್ 15 ದಾಟಿದರೆ ರೆಗ್ಯುಲೇಟರ್ ಕೆಟ್ಟಿದೆ. ಬ್ಯಾಟರಿ ನೀರು ಬೇಗ ಬತ್ತುವುದು, ಮೊಟ್ಟೆ ಕೊಳೆತ ವಾಸನೆ, ಪದೇಪದೇ ಹೋಗುವ ಬಲ್ಬುಗಳು ಅದರ ಲಕ್ಷಣ.

ಡಯೋಡನ್ನು ಹಿಡಿಯುವುದು ಮುಂದಿನ ಅಳತೆ. ಮೀಟರನ್ನು ಎಸಿ ವೋಲ್ಟಿಗೆ ತಿರುಗಿಸಿ, ಹೆಡ್‌ಲೈಟ್ ಹಚ್ಚಿ, ಇಂಜಿನ್ ಓಡುವಾಗ ಬ್ಯಾಟರಿ ಮೇಲೆ ನೋಡಿ. ಒಳ್ಳೆಯ ಅಲ್ಟರ್ನೇಟರಿನಲ್ಲಿ 0.1 ವೋಲ್ಟ್ ಒಳಗಿರುತ್ತದೆ. 0.5 ದಾಟಿದರೆ ಡಯೋಡು ಹೋಗಿದೆ ಎಂದು ಬರೆದುಕೊಳ್ಳಿ. ಇಲ್ಲಿ ಒಂದು ಕಿತಾಪತಿ ಇದೆ: ಅಗ್ಗದ ಹಳದಿ ಮೀಟರುಗಳು ಎಸಿ ರೇಂಜಿನಲ್ಲಿ ಡಿಸಿಯನ್ನೂ ಎಸಿ ಎಂದು ಓದುತ್ತವೆ, ಬ್ಯಾಟರಿಗಿಟ್ಟರೆ 25–28 ಎಂದು ತೋರಿಸಿ ಹೆದರಿಸುತ್ತವೆ. ಮೊದಲು ಇಂಜಿನ್ ಆಫ್ ಇರುವಾಗಲೇ ಎಸಿ ರೇಂಜಿನಲ್ಲಿ ಬ್ಯಾಟರಿಗೆ ಇಟ್ಟು ನೋಡಿ. ಸೊನ್ನೆ ಬಂದರೆ ಮಾತ್ರ ಆ ಮೀಟರು ಈ ಕೆಲಸಕ್ಕೆ ಲಾಯಕ್ಕು.

ಶಾರ್ಟ್ ಆದ ಡಯೋಡು ರಾತ್ರಿಯೂ ದುಡಿಯುತ್ತದೆ, ಹಿಮ್ಮುಖವಾಗಿ. ಡಯೋಡಿನ ಇನ್ನೊಂದು ಕೆಲಸ ಬ್ಯಾಟರಿ ಕರೆಂಟು ಅಲ್ಟರ್ನೇಟರಿಗೆ ಹಿಂತಿರುಗದಂತೆ ತಡೆಯುವುದು. ಆ ಬಾಗಿಲು ಕಿತ್ತುಹೋದರೆ, ಹಲವು ಮಾದರಿಗಳಲ್ಲಿ ಬ್ಯಾಟರಿಯ ಕರೆಂಟು ಸ್ಟೇಟರ್ (ತಿರುಗದ ಸುರುಳಿ) ಮೂಲಕ ರೋಟರಿನ ಸುರುಳಿಗೆ ಹರಿಯುತ್ತಲೇ ಇರುತ್ತದೆ. ಕಾರು ನಿಂತು ನಾಲ್ಕೈದು ಗಂಟೆಯಾದರೂ ಅಲ್ಟರ್ನೇಟರ್ ಮುಟ್ಟಿದರೆ ಉಗುರುಬೆಚ್ಚಗಿರುತ್ತದೆ, ಇಂಜಿನ್ ಮಾತ್ರ ತಣ್ಣಗೆ. ಅಳೆಯಬೇಕೆಂದರೆ ಕೀಲಿ ತೆಗೆದು, ಬಾನೆಟ್ ತೆರೆದು, ಬಾಗಿಲೆಲ್ಲ ಲಾಕ್ ಮಾಡಿ ಅರ್ಧ ಗಂಟೆ ಬಿಡಿ. ಕಾರಿನ ಕಂಪ್ಯೂಟರುಗಳು ನಿದ್ದೆಗೆ ಹೋಗಲು ಅಷ್ಟು ಹೊತ್ತು ಬೇಕು. ಡಿಸಿ ಅಳೆಯುವ ಕ್ಲಾಂಪ್ ಮೀಟರ್ ಇದ್ದರೆ ನೆಗೆಟಿವ್ ಕೇಬಲಿಗೆ ಹಾಕಿ ನೋಡಿದರಾಯಿತು. ಮಲ್ಟಿಮೀಟರ್ ಆದರೆ 10 ಆಂಪ್ ಸಾಕೆಟ್ಟಿನಲ್ಲಿ, ನೆಗೆಟಿವ್ ಕೇಬಲ್ ಮತ್ತು ಬ್ಯಾಟರಿ ನಡುವೆ ಜೋಡಿಸಿ ಮತ್ತೆ ಅರ್ಧ ಗಂಟೆ ಕಾಯಿರಿ. ಹಾಗೆ ಜೋಡಿಸಿದಾಗ ಮರೆತೂ ಸೆಲ್ಫ್ ಹೊಡೆಯಬೇಡಿ, ಮೀಟರ್ ಸುಡುತ್ತದೆ. 50 ಮಿಲಿಆಂಪ್ ಒಳಗಿದ್ದರೆ ಸರಿ. ಆ ಕಾರಿನಲ್ಲಿ ಬಂದದ್ದು ಒಂದೂವರೆ ಆಂಪ್. ಹತ್ತು ಗಂಟೆಗೆ 15 ಆಂಪ್-ಅವರ್, 35ರ ಬ್ಯಾಟರಿಯಲ್ಲಿ ಹೆಚ್ಚುಕಮ್ಮಿ ಅರ್ಧ. ಹಗಲು ಅರ್ಧ ತುಂಬುವುದು, ರಾತ್ರಿ ಅರ್ಧ ಸೋರುವುದು. ಹೀಗೆ ಅರೆಹೊಟ್ಟೆಯಲ್ಲೇ ಇಟ್ಟ ಬ್ಯಾಟರಿಯ ಪ್ಲೇಟುಗಳ ಮೇಲೆ ಸಲ್ಫೇಟ್ ಗಟ್ಟಿಯಾಗಿ ಕೂರುತ್ತದೆ, ಎಷ್ಟು ಹೊಸದಾದರೂ ತಿಂಗಳುಗಳಲ್ಲಿ ಮುದಿಯಾಗುತ್ತದೆ. ಸೋರಿಕೆ ಅಲ್ಟರ್ನೇಟರಿನದ್ದೇ ಎಂದು ಖಾತ್ರಿಯಾಗಲು ಬ್ಯಾಟರಿ ನೆಗೆಟಿವ್ ಕಳಚಿ, ಅಲ್ಟರ್ನೇಟರ್ ಹಿಂದಿನಿಂದ ಬ್ಯಾಟರಿಗೆ ಹೋಗುವ ದಪ್ಪ ಬಿ ಪ್ಲಸ್ ವೈರನ್ನೂ ಬದಿಯ ಕನೆಕ್ಟರನ್ನೂ ಬಿಚ್ಚಿ ಇನ್ಸುಲೇಷನ್ ಟೇಪ್ ಸುತ್ತಿಟ್ಟು, ಮತ್ತೆ ಅಳೆಯಿರಿ. ಸೋರಿಕೆ ನಿಂತರೆ ಕಳ್ಳ ಅಲ್ಲೇ ಇದ್ದಾನೆ.

ಇದರ ತದ್ವಿರುದ್ಧ ಮೋಸವೂ ಉಂಟು, ಅದೇನೂ ಅಪರೂಪವಲ್ಲ: ಅಲ್ಟರ್ನೇಟರ್ ಗಟ್ಟಿಮುಟ್ಟಾಗಿದ್ದು ವೈರು ಹಾಳಾಗಿರುವುದು. ಎಲ್ಲ ಲೋಡ್ ಹಚ್ಚಿ ಇಂಜಿನ್ ಓಡುವಾಗ ಮೀಟರಿನ ಒಂದು ಕಡ್ಡಿ ಬಿ ಪ್ಲಸ್ ಬೋಲ್ಟಿಗೆ, ಇನ್ನೊಂದು ಬ್ಯಾಟರಿ ಪಾಸಿಟಿವ್ ಕಂಬಕ್ಕೆ ಇಡಿ. 0.3 ವೋಲ್ಟಿಗಿಂತ ಹೆಚ್ಚು ಬಂದರೆ ನಡುವೆ ತುಕ್ಕು, ಸಡಿಲ ನಟ್ಟು, ಇಲ್ಲವೇ ಸೊರಗಿದ ಕೇಬಲ್. ಹಾಗೆಯೇ ಅಲ್ಟರ್ನೇಟರಿನ ಮೈಗೂ ಬ್ಯಾಟರಿ ನೆಗೆಟಿವ್‌ಗೂ ಇಟ್ಟರೆ 0.2 ಮೀರಬಾರದು. ಮೀರಿದರೆ ಇಂಜಿನಿನಿಂದ ಬಾಡಿಗೆ ಹೋಗುವ ಅರ್ಥ್ ಪಟ್ಟಿ ಬಿಚ್ಚಿ, ಮರಳು ಕಾಗದದಿಂದ ಲೋಹ ಹೊಳೆಯುವವರೆಗೆ ಉಜ್ಜಿ ಬಿಗಿಯಿರಿ. ಕರಾವಳಿಯ ಉಪ್ಪುಗಾಳಿಗೆ ನಿಲ್ಲುವ ಕಾರುಗಳಲ್ಲಿ ಮೊದಲು ನೋಡಬೇಕಾದ್ದೇ ಇದು. ಬಿ ಪ್ಲಸ್ಸಿನಲ್ಲಿ 14ಕ್ಕೂ ಮೇಲಿದ್ದು ಬ್ಯಾಟರಿಯಲ್ಲಿ 12.3 ಮಾತ್ರ ಇದ್ದರೆ ಮುಖ್ಯ ಫ್ಯೂಸ್ ಹಾರಿದೆ. ಜಂಪ್ ಕೊಡುವಾಗ ಪ್ಲಸ್ ಮೈನಸ್ ಅದಲುಬದಲಾದರೆ ಅದು ಹಾರುತ್ತದೆ, ಜೊತೆಗೆ ಡಯೋಡುಗಳೂ. ಇನ್ನು ಕೀಲಿ ಆನ್ ಮಾಡಿದಾಗ ಬ್ಯಾಟರಿ ದೀಪ ಹತ್ತಲೇಬೇಕು. ಹತ್ತದಿದ್ದರೆ ಸಂತೋಷಪಡಬೇಡಿ. ಹಳೆಯ ಮಾದರಿಗಳಲ್ಲಿ ಆ ಬಲ್ಬಿನ ಮೂಲಕವೇ ರೋಟರಿಗೆ ಮೊದಲ ಕರೆಂಟು ಹೋಗುವುದು. ಬಲ್ಬು ಸುಟ್ಟರೂ, ಆ ಸಣ್ಣ ವೈರನ್ನು ಇಲಿ ಕಡಿದರೂ ಅಲ್ಟರ್ನೇಟರ್ ಎಚ್ಚರವಾಗುವುದೇ ಇಲ್ಲ. ಗಣಪನ ವಾಹನಕ್ಕೆ ನಮ್ಮ ವಾಹನದ ವೈರೆಂದರೆ ಬಲು ಇಷ್ಟ.

ಹೊಸ ಕಾರುಗಳವರಿಗೆ ಒಂದು ಮಾತು. ಇಸಿಯು ಹಿಡಿತದಲ್ಲಿರುವ ಅಲ್ಟರ್ನೇಟರುಗಳು ಇಂಧನ ಉಳಿಸಲು ಬೇಕೆಂದೇ ವೋಲ್ಟೇಜನ್ನು 12.8ರ ಹತ್ತಿರಕ್ಕೆ ಇಳಿಸುತ್ತವೆ, ಬ್ರೇಕ್ ಒತ್ತಿದಾಗ ಏರಿಸುತ್ತವೆ. ಅಲ್ಲಿ ಒಂದೇ ಒಂದು ಅಂಕಿ ನೋಡಿ ಅಲ್ಟರ್ನೇಟರ್ ಕೆಟ್ಟಿದೆ ಎನ್ನುವುದು ತಪ್ಪು. ಲೋಡ್ ಹಚ್ಚಿದಾಗ ಏರುತ್ತದೆಯೇ ನೋಡಿ, ಸಾಧ್ಯವಾದರೆ ಸ್ಕ್ಯಾನರ್ ಹಾಕಿಸಿ. 2015ರಲ್ಲಿ ಮಾರುತಿ ಸಿಯಾಜ್ ಜೊತೆ ಬಂದ ಎಸ್ಎಚ್‌ವಿಎಸ್ (ಮೋಟಾರಿನ ಸಣ್ಣ ನೆರವಿರುವ ಮೈಲ್ಡ್ ಹೈಬ್ರಿಡ್) ತರಹದ ಗಾಡಿಗಳಲ್ಲಂತೂ ಬೆಲ್ಟಿಗೆ ಕೂತಿರುವ ಯಂತ್ರವೇ ಜನರೇಟರೂ ಹೌದು, ಸಿಗ್ನಲಿನಲ್ಲಿ ಇಂಜಿನನ್ನು ಮತ್ತೆ ಎಬ್ಬಿಸುವ ಮೋಟಾರೂ ಹೌದು. ಅದನ್ನು ಬೀದಿಬದಿಯಲ್ಲಿ ಬಿಚ್ಚಿಸಬೇಡಿ.

ಯಾಕೆ ಹೋಗುತ್ತದೆ? ಬಹುಪಾಲು ಬಿಸಿಗೆ. ಸಣ್ಣ ಕಾರಿನ 70 ಆಂಪ್ ಅಲ್ಟರ್ನೇಟರ್ ಐಡಲಿಂಗಿನಲ್ಲಿ ಅದರ ಅರ್ಧ ಕೊಟ್ಟರೆ ಹೆಚ್ಚು. ಸಿಲ್ಕ್ ಬೋರ್ಡ್ ಜಾಮಿನಲ್ಲಿ ಏಸಿ, ರೇಡಿಯೇಟರ್ ಫ್ಯಾನ್, ವೈಪರ್, ಜೊತೆಗೆ ಹೊರಗಿನಿಂದ ಹಾಕಿಸಿದ 100/90 ವಾಟ್ ಬಲ್ಬು ಮತ್ತು ಬೂಟಿನಲ್ಲಿ ಆಂಪ್ಲಿಫೈಯರ್ ಇದ್ದರೆ ಅದು ಗಂಟೆಗಟ್ಟಲೆ ಪೂರ್ತಿ ಲೋಡಿನಲ್ಲಿ, ಗಾಳಿಯಿಲ್ಲದೆ ದುಡಿಯುತ್ತದೆ. ಸತ್ತ ಬ್ಯಾಟರಿಗೆ ಜಂಪ್ ಕೊಟ್ಟು "ಒಂದು ರೌಂಡ್ ಹೊಡೀರಿ, ಚಾರ್ಜ್ ಆಗುತ್ತೆ" ಎನ್ನುವ ಸಲಹೆಯೂ ಇದೇ ಜಾತಿಯದು. ಚಾರ್ಜರಿನಲ್ಲಿ 3–4 ಆಂಪ್ ಇಟ್ಟು ರಾತ್ರಿಯಿಡೀ ತುಂಬಿಸುವುದೇ ಸರಿಯಾದ ದಾರಿ. ಆಮೇಲಿನದು ಎಣ್ಣೆ: ಟ್ಯಾಪೆಟ್ ಕವರಿನಿಂದಲೋ ಪವರ್ ಸ್ಟೀರಿಂಗ್ ಪೈಪಿನಿಂದಲೋ ತೊಟ್ಟಿಕ್ಕಿದ ಎಣ್ಣೆ ಬ್ರಶ್ ಪುಡಿಯೊಂದಿಗೆ ಸೇರಿ ಕಪ್ಪು ಅಂಟಾಗಿ, ಬ್ರಶ್ ಉಜ್ಜುವ ಸ್ಲಿಪ್ ರಿಂಗಿಗೆ ಮೆತ್ತಿಕೊಳ್ಳುತ್ತದೆ. ಆ ಸೋರಿಕೆ ನಿಲ್ಲಿಸದೆ ಹೊಸ ಅಲ್ಟರ್ನೇಟರ್ ಹಾಕಿದರೆ ಅದಕ್ಕೂ ಅದೇ ಗತಿ. ಸರ್ವಿಸಿನಲ್ಲಿ ಇಂಜಿನಿಗೆ ನೇರ ಪ್ರೆಶರ್ ನೀರು ಹೊಡೆಸಬೇಡಿ. ಬೇರಿಂಗ್ ಕೆಟ್ಟರೆ ಗರಗರ ಸದ್ದೇ ಹೇಳುತ್ತದೆ, ಬೆಲ್ಟನ್ನು ಅತಿಯಾಗಿ ಬಿಗಿದದ್ದು ಅದಕ್ಕೆ ಸಾಮಾನ್ಯ ಕಾರಣ. ಬೆಳಗ್ಗೆ ಸ್ಟಾರ್ಟ್ ಮಾಡಿದಾಗ ಬೆಲ್ಟ್ ಕಿರುಚಿದರೆ ಮೊದಲು ಅದನ್ನು ನೋಡಿ. ಈಗಿನ ರಬ್ಬರು ಸವೆದರೂ ಬಿರುಕು ಬಿಡುವುದು ಕಡಿಮೆ, ಹಾಗಾಗಿ ಗೀರುಗಳ ಆಳ ನೋಡಬೇಕು.

ರಿಪೇರಿಯೋ ಹೊಸದೋ? ಬ್ರಶ್ ಹೊರಚಾಚಿದ ಉದ್ದ 5 ಮಿಲಿಮೀಟರಿಗಿಂತ ಕಡಿಮೆಯಿದ್ದರೆ ಬ್ರಶ್ ಸೆಟ್, ರೆಗ್ಯುಲೇಟರ್ ಬದಲಿಸಿದರೆ ಸಾಕು. ಸ್ಲಿಪ್ ರಿಂಗುಗಳ ನಡುವೆ ಸುಮಾರು 2ರಿಂದ 4 ಓಮ್ ಬಂದು, ರಿಂಗಿನಿಂದ ರೋಟರಿನ ಕಬ್ಬಿಣಕ್ಕೆ ಏನೂ ಹರಿಯದಿದ್ದರೆ ರೋಟರ್ ಚೆನ್ನಾಗಿದೆ. ಡಯೋಡು ಹೋಗಿದ್ದರೆ ಒಂದನ್ನೇ ಕಿತ್ತು ಬೇರೆ ಬೆಸೆಯುವ ಬದಲು ಪೂರ್ತಿ ಪ್ಲೇಟ್ ಹಾಕಿಸಿ. ಸ್ಟೇಟರ್ ಸುರುಳಿ ಸುಟ್ಟ ವಾಸನೆಯಿದ್ದು ಕಪ್ಪಾಗಿದ್ದರೆ ಮಾತ್ರ ಇಡೀ ಘಟಕಕ್ಕೆ ಹಣ ಸುರಿಯಿರಿ. ಬಣ್ಣ ಬಳಿದ ರೀಕಂಡಿಶನ್ ಮಾಲು ಕೊಟ್ಟರೆ ಒಳಗೆ ಏನು ಬದಲಾಗಿದೆ ಎಂದು ಬಿಲ್ಲಿನಲ್ಲಿ ಬರೆಸಿಕೊಳ್ಳಿ, ಬಿಚ್ಚಿದ ಹಳೆಯ ಭಾಗ ಕೇಳಿ ಪಡೆಯಿರಿ. ಜೋಡಿಸಿದ ಮೇಲೆ ಅಲ್ಲಿಯೇ ನಿಂತು ಲೋಡ್ ಹಾಕಿ ಡಿಸಿ ವೋಲ್ಟ್, ಎಸಿ ವೋಲ್ಟ್ ಎರಡೂ ಅಳೆಸಿ, ಅಂಕಿಯನ್ನು ಮೊಬೈಲಿನಲ್ಲಿ ಫೋಟೋ ತೆಗೆದಿಟ್ಟುಕೊಳ್ಳಿ.

ಘಾಟಿಯ ಮಧ್ಯೆ ಆ ಕೆಂಪು ದೀಪ ಹತ್ತಿದರೆ ಮೊದಲು ಟೆಂಪರೇಚರ್ ಮುಳ್ಳು ನೋಡಿ. ಬೆಲ್ಟ್ ಕಡಿದಿದ್ದರೆ ಹಲವು ಕಾರುಗಳಲ್ಲಿ ವಾಟರ್ ಪಂಪೂ ನಿಂತಿರುತ್ತದೆ, ಮುಳ್ಳು ಏರುತ್ತಿದ್ದರೆ ತಕ್ಷಣ ನಿಲ್ಲಿಸಬೇಕು. ಅಲ್ಟರ್ನೇಟರಿನ ಬೆನ್ನಿಗೇ ಬ್ರೇಕಿನ ವ್ಯಾಕ್ಯೂಮ್ ಪಂಪ್ ಇರುವ ಹಳೆಯ ಡೀಸೆಲ್ ಗಾಡಿಗಳಲ್ಲಿ ಬೆಲ್ಟ್ ಹೋದರೆ ಬ್ರೇಕ್ ಪೆಡಲ್ ಕಲ್ಲಾಗುತ್ತದೆ, ಅವುಗಳನ್ನೂ ಮುಂದಕ್ಕೆ ಓಡಿಸುವ ಸಾಹಸ ಬೇಡ. ಮುಳ್ಳು ಸ್ಥಿರವಾಗಿದ್ದು ಬ್ರೇಕ್ ಸರಿಯಿದ್ದರೆ ಏಸಿ, ಬ್ಲೋವರ್, ಡಿಫಾಗರ್, ಫಾಗ್ ಲ್ಯಾಂಪ್, ಮೊಬೈಲ್ ಚಾರ್ಜರ್ ಎಲ್ಲ ಆರಿಸಿ. ಲೋ ಬೀಮ್ ಮತ್ತು ವೈಪರ್ ಇರಲಿ. ಇಂಜಿನ್ ಮಾತ್ರ ಆಫ್ ಮಾಡಬೇಡಿ, ಮತ್ತೆ ಸೆಲ್ಫ್ ಹೊಡೆಯುವಷ್ಟು ಶಕ್ತಿ ಉಳಿದಿರುವ ಭರವಸೆಯಿಲ್ಲ. ತುಂಬಿದ 35 ಆಂಪ್-ಅವರ್ ಬ್ಯಾಟರಿ ಮಳೆಯ ರಾತ್ರಿಯಲ್ಲಿ ಹೆಚ್ಚೆಂದರೆ ಮುಕ್ಕಾಲು ಗಂಟೆ ಎಳೆದೀತು. ಅಷ್ಟರೊಳಗೆ ತಲುಪಬಹುದಾದ, ಬೆಳಕೂ ಜನರೂ ಇರುವ ಹತ್ತಿರದ ಜಾಗ ಯಾವುದೋ ಅಲ್ಲಿಗೆ ಹೋಗಿ ನಿಲ್ಲಿಸಿ.