ನಾಲ್ಕು ಸ್ಟಾರ್: ಮಗಳ ಹಲ್ಲು, ಹಾಸನದ ಕ್ಲಿನಿಕ್ಕು ಮತ್ತು ಫೈಲಿನ ಮೇಲೆ ಬರೆದಿದ್ದ ಮಾಲೊಕ್ಲೂಷನ್

ನಾಲ್ಕು ಸ್ಟಾರ್ ಕೊಡ್ತಿದೀನಿ. ಐದನೇದು ಉಳಿದಿದ್ದು ಕೌಂಟರ್‌ನವರ ದೆಸೆಯಿಂದ, ಅದು ಆಮೇಲೆ. ಮೊದಲು ಡಾಕ್ಟರ್ ವಿಷಯ.

ನಾನು ಆಲೂರಿನಲ್ಲಿ ಬ್ಲೌಸ್ ಹೊಲಿಯೋಳು. ಮಗಳು ಈಗ ಎಂಟನೇ ಕ್ಲಾಸು. ಮೇಲಿನ ಬಾಚಿಹಲ್ಲು ಮುಂದಕ್ಕೆ ಬಂದಿದ್ವು, ಎಷ್ಟು ಬಾಯಿ ಮುಚ್ಚಿದ್ರೂ ತುಟಿಗೆ ತುಟಿ ಸೇರ್ತಿರಲಿಲ್ಲ. ನಮ್ಮ ಮನೆಯವರ ಕಡೆ ಸುಮಾರು ಜನಕ್ಕೆ ಅದೇ ಬಾಯಿ. ಅದಕ್ಕೇ ನಮ್ಮತ್ತೆ, "ಅವಳಪ್ಪಂಗೂ ಹಿಂಗೇ ಇತ್ತು, ಅವನಿಗೇನು ಮದುವೆ ಆಗ್ಲಿಲ್ವಾ?" ಅಂತ ನನ್ನ ಬಾಯಿ ಮುಚ್ಚಿಸೋರು. ಸ್ಕೂಲಲ್ಲಿ ಹುಡುಗರು ಏನಂತ ಕರೀತಾರೆ ಅನ್ನೋದು ಅವರ ಕಿವಿಗೆ ಬಿದ್ದಿರಲಿಲ್ಲ, ನನ್ನ ಕಿವಿಗೆ ಬಿದ್ದಿತ್ತು.

ಇಲ್ಲಿಗೆ ಬರೋಕೆ ಮುಂಚೆ ಬೇರೊಂದು ಕಡೆ ತೋರಿಸಿದ್ವಿ. ಹೆಸರು ಹೇಳಲ್ಲ. ಬಾಯಿ ತೆಗೆಸಿ ಟಾರ್ಚ್ ಹಾಕಿ ನೋಡಿದ್ರು. "ಕ್ಲಿಪ್ ಹಾಕಿದ್ರೆ ಆಯ್ತು, ಅಡ್ವಾನ್ಸ್ ಕಟ್ಟಿ ಹೋಗಿ, ಮುಂದಿನ ವಾರ ಶುರು" ಅಂದ್ರು. ಎಕ್ಸ್‌ರೇ ಇಲ್ಲ, ಅಚ್ಚು ಇಲ್ಲ, ಒಂದು ಅಳತೆ ಕೂಡ ಇಲ್ಲ. ಅಳತೆಗೆ ಮುಂಚೆ ಅಡ್ವಾನ್ಸ್ ಕೇಳೋರು ನನಗೆ ಹಿಡಿಸಲ್ಲ. ವಾಪಸ್ ಬಂದ್ವಿ.

ಸಾಲಗಾಮೆ ರಸ್ತೆ ಕಡೆಯ ಈ ಕ್ಲಿನಿಕ್ಕಲ್ಲಿ ಮೊದಲ ದಿನ ಕ್ಲಿಪ್ಪಿನ ಮಾತೇ ಎತ್ತಲಿಲ್ಲ. ಇಲ್ಲಿ ಹಲ್ಲು ಸಾಲು ಮಾಡೋ ಡಾಕ್ಟರ್ ಬೇರೆ, ಹುಳುಕಿಗೆ ಸಿಮೆಂಟ್ ತುಂಬೋ ಡಾಕ್ಟರ್ ಬೇರೆ. ಇದು ಗೊತ್ತಿರಬೇಕಾದ ವಿಷಯ. ಬಿಡಿಎಸ್ ಮುಗಿಸಿದ ಮೇಲೆ ಇನ್ನೂ ಮೂರು ವರ್ಷ ಇದೊಂದನ್ನೇ ಓದಿ ಎಂಡಿಎಸ್ ಮಾಡಿದವರಿಗೆ ಆರ್ಥೊಡಾಂಟಿಸ್ಟ್ ಅಂತಾರೆ. ಸಣ್ಣ ಕ್ಲಿನಿಕ್ಕುಗಳಿಗೆ ಇವರು ದಿನಾ ಬರಲ್ಲ, ವಾರದಲ್ಲಿ ಗೊತ್ತು ಮಾಡಿದ ದಿನ ಬರ್ತಾರೆ. ಇಲ್ಲಿ ಬುಧವಾರ ಮತ್ತು ಶನಿವಾರ ಒಬ್ಬರು ಮೇಡಂ ಬರ್ತಾರೆ. ಅವರ ಮುಂದೆ ಕೂತ್ಕೋಬೇಕು ಅಂತಲೇ ಕೇಳಿ ಅಪಾಯಿಂಟ್‌ಮೆಂಟ್ ತಗೊಳ್ಳಿ.

ಆ ದಿನ ಇಡೀ ಬಾಯಿ ಒಂದೇ ಫಿಲ್ಮಲ್ಲಿ ಬರೋ ಓಪಿಜಿ ಎಕ್ಸ್‌ರೇ ತೆಗೆಸಿದ್ರು. ತಲೆಯನ್ನ ಪಕ್ಕದಿಂದ ತೆಗೆಯೋ ಇನ್ನೊಂದು ಎಕ್ಸ್‌ರೇನೂ ಆಯ್ತು, ಅದಕ್ಕೆ ಸೆಫಲೋಗ್ರಾಮ್ ಅಂತಾರೆ. ಆಮೇಲೆ ಮೆತ್ತನೆಯ ಗುಲಾಬಿ ಹಿಟ್ಟು ಬಾಯಿಗಿಟ್ಟು ಮೇಲಿನ ಹಲ್ಲಿಂದೊಂದು, ಕೆಳಗಿನ ಹಲ್ಲಿಂದೊಂದು ಅಚ್ಚು ತೆಗೆದ್ರು. ಅಚ್ಚು ಬಾಯಲ್ಲಿದ್ದಾಗ ನಮ್ಮ ಹುಡುಗಿಗೆ ವಾಂತಿ ಬಂದ ಹಾಗಾಗಿ ಕಣ್ಣಲ್ಲಿ ನೀರು. ಅಲ್ಲಿದ್ದ ಸಿಸ್ಟರ್, "ಮೂಗಲ್ಲಿ ಉಸಿರು ತಗೋ ಪುಟ್ಟಾ, ಕಾಲು ಮೇಲೆತ್ತಿ ಬೆರಳು ಆಡಿಸ್ತಾ ಇರು" ಅಂದ್ರು. ಬೆರಳು ಆಡಿಸೋದರ ಮೇಲೆ ಗಮನ ಹೋಗಿ ಅವಳು ವಾಂತಿನೇ ಮರೆತಳು. ಆ ಸಿಸ್ಟರ್‌ಗೆ ಬೇರೆ ಐದು ಸ್ಟಾರ್ ಕೊಡೋ ಹಾಗಿದ್ದಿದ್ರೆ ಕೊಡ್ತಿದ್ದೆ.

ಮುಂದಿನ ಸಲ ಹೋದಾಗ ಫೈಲಿನ ಮೇಲೆ ಬರೆದಿತ್ತು: ಆಂಗಲ್ಸ್ ಕ್ಲಾಸ್ ಟೂ, ಡಿವಿಷನ್ ಒನ್ ಮಾಲೊಕ್ಲೂಷನ್. ನನ್ನ ಎದೆ ಧಸಕ್ ಅಂತು. ಏನೋ ದೊಡ್ಡ ಕಾಯಿಲೆ ಹೆಸರಿದ್ದ ಹಾಗಿತ್ತು. ಮೇಡಂ ಮುಖ ನೋಡಿ ಗೊತ್ತು ಮಾಡ್ಕೊಂಡ್ರು ಅನ್ಸುತ್ತೆ, ಮಗಳ ಬಾಯಿದೇ ಪ್ಲಾಸ್ಟರ್ ಅಚ್ಚು ಎರಡನ್ನೂ ನನ್ನ ಕೈಗೇ ಕೊಟ್ಟು, "ಕೂಡಿಸಿ ನೋಡಿಮ್ಮಾ" ಅಂದ್ರು.

ಕೂಡಿಸಿದ್ರೆ ಕೂಡಲ್ಲ. ಅಷ್ಟೇ ಅದರ ಅರ್ಥ. ಬಾಯಿ ಮುಚ್ಚಿದಾಗ ಮೇಲಿನ ಸಾಲು ಕೆಳಗಿನ ಸಾಲಿನ ಮೇಲೆ ಕೂರಬೇಕಾದ ಜಾಗದಲ್ಲಿ ಕೂರದೆ ಇದ್ರೆ ಅದು ಮಾಲೊಕ್ಲೂಷನ್. ಸೋಂಕಲ್ಲ, ಹುಳುಕಲ್ಲ, ಅಂಟಲ್ಲ. ಒಂದೊಂದು ಹಲ್ಲೂ ನೆಟ್ಟಗಿದ್ದು ಕೂಡ ಇದು ಇರಬಹುದು. ಇದು ನನಗೆ ತಕ್ಷಣ ಹೊಳೀತು, ಯಾಕಂದ್ರೆ ದಿನಾ ನೋಡೋದು ಇದನ್ನೇ. ಹುಕ್ಕಿನ ಪಟ್ಟಿ ನೆಟ್ಟಗಿರುತ್ತೆ, ಕಾಜಾ ಪಟ್ಟಿನೂ ನೆಟ್ಟಗಿರುತ್ತೆ, ಮೇಲಿನ ಹುಕ್ಕು ಒಂದು ಕಾಜಾ ಬಿಟ್ಟು ಸಿಕ್ಕಿಸಿದ್ರೆ ಸೊಂಟದವರೆಗೂ ಎಳೆದ ಹಾಗೇ ಕೂರುತ್ತೆ.

ಆಂಗಲ್ಸ್ ಅಂದಾಗ ಮಗಳು ಗಣಿತದ ಕೋನ ಅಂದ್ಕೊಂಡಳು. ಅಲ್ಲವಂತೆ, ಎಡ್ವರ್ಡ್ ಆಂಗಲ್ ಅಂತ ಅಮೆರಿಕದ ಡಾಕ್ಟರ್. 1899ರಲ್ಲಿ ಅವರು ಮಾಡಿದ ವಿಂಗಡಣೆಯನ್ನೇ ಇವತ್ತಿಗೂ ಎಲ್ಲ ಕಡೆ ಬರೀತಾರೆ. ಆರು ವರ್ಷದ ಹೊತ್ತಿಗೆ ಹಾಲುಹಲ್ಲಿನ ಹಿಂದುಗಡೆ ಮೊದಲನೇ ಶಾಶ್ವತ ದವಡೆಹಲ್ಲು ಬರುತ್ತಲ್ಲ, ಅವರು ಲೆಕ್ಕ ಇಟ್ಟಿದ್ದು ಅದರ ಮೇಲೆ. ಮೇಲಿನ ಆ ಹಲ್ಲಿನ ಮುಂದಿನ ಮೊನೆ ಕೆಳಗಿನ ಹಲ್ಲಿನ ಹೊರಮೈಯಲ್ಲಿರೋ ಗೀರಿನಲ್ಲಿ ಸರಿಯಾಗಿ ಕೂತ್ರೆ ಕ್ಲಾಸ್ ಒನ್. ಕೆಳಗಿನ ಹಲ್ಲು ಅದಕ್ಕಿಂತ ಹಿಂದಕ್ಕಿದ್ರೆ ಕ್ಲಾಸ್ ಟೂ, ಮುಂದಕ್ಕಿದ್ರೆ ಕ್ಲಾಸ್ ತ್ರೀ. ಕ್ಲಾಸ್ ಟೂನಲ್ಲಿ ಮೇಲಿನ ಮುಂದಿನ ಹಲ್ಲು ಹೊರಕ್ಕೆ ಬಾಗಿದ್ರೆ ಡಿವಿಷನ್ ಒನ್, ನಮ್ಮ ಹುಡುಗಿದು. ನಡುವಿನ ಎರಡು ಹಲ್ಲು ಒಳಕ್ಕೆ ವಾಲಿದ್ರೆ ಡಿವಿಷನ್ ಟೂ. ದವಡೆಹಲ್ಲು ಕ್ಲಾಸ್ ಒನ್ ಇದ್ದೂ ಮುಂದುಗಡೆ ಜಾಗ ಸಾಲದೆ ಹಲ್ಲಿನ ಮೇಲೆ ಹಲ್ಲು ಏರಿದ್ರೆ, ಅದೂ ಮಾಲೊಕ್ಲೂಷನ್ನೇ.

ಇಲ್ಲಿ ಒಂದು ಮಾತು ಹೇಳಲೇಬೇಕು. ಹೊರಗೆ ಬೆಂಚಿನ ಮೇಲೆ ಸಕಲೇಶಪುರ ಕಡೆಯ ಒಬ್ಬರು ಅಕ್ಕ ಕೂತಿದ್ರು, ಮಗನ ಫೈಲಲ್ಲಿ ಕ್ಲಾಸ್ ತ್ರೀ ಅಂತ ನೋಡಿ ಕಣ್ಣೀರು ಹಾಕ್ತಿದ್ರು. ಕ್ಯಾನ್ಸರಿಗೆ ಸ್ಟೇಜ್ ಹೇಳ್ತಾರಲ್ಲ, ಹಾಗೆ ಮೂರನೇ ಸ್ಟೇಜ್ ಅಂದ್ಕೊಂಡಿದ್ರು ಪಾಪ. ಹಾಗಲ್ಲ. ಒಂದು, ಎರಡು, ಮೂರು ಅನ್ನೋದು ನಮೂನೆ, ಜೋರು ಎಷ್ಟು ಅನ್ನೋದಲ್ಲ. ಕ್ಲಾಸ್ ಒನ್ ಇದ್ದೂ ಬಾಯೆಲ್ಲ ಕಿಕ್ಕಿರಿದಿರಬಹುದು, ಕ್ಲಾಸ್ ಟೂ ಇದ್ದೂ ಚೂರೇ ಚೂರು ಇರಬಹುದು. ಕೆಲವು ಕಡೆ ಇದನ್ನ ಹೇಳೋದೇ ಇಲ್ಲ, ಹೆದರಿದ ತಾಯಿ ಬೇಗ ದುಡ್ಡು ಕಟ್ತಾಳೆ ನೋಡಿ.

ಜೋರು ಎಷ್ಟು ಅನ್ನೋದಕ್ಕೆ ಬೇರೆ ಅಳತೆಗಳಿವೆ. ಮೇಲಿನ ಹಲ್ಲು ಕೆಳಗಿನದಕ್ಕಿಂತ ಎಷ್ಟು ಮುಂದಕ್ಕಿದೆ ಅನ್ನೋದಕ್ಕೆ ಓವರ್‌ಜೆಟ್ ಅಂತಾರೆ. ಮೇಲಿನದು ಕೆಳಗಿನದನ್ನ ಎಷ್ಟು ಮುಚ್ಚಿದೆ ಅನ್ನೋದು ಓವರ್‌ಬೈಟ್, ಅದು ವಿಪರೀತ ಆದ್ರೆ ಡೀಪ್ ಬೈಟ್. ಹಿಂದಿನ ಹಲ್ಲು ಕಚ್ಚಿದ್ರೂ ಮುಂದುಗಡೆ ಸಂದು ಬಿಟ್ಟಿದ್ರೆ ಓಪನ್ ಬೈಟ್. ಮೇಲಿನ ಹಲ್ಲು ಕೆಳಗಿನದರ ಒಳಗಡೆ ಬಿದ್ರೆ ಕ್ರಾಸ್ ಬೈಟ್. ಓವರ್‌ಜೆಟ್ ಎರಡು ಮೂರು ಮಿಲಿಮೀಟರ್ ಇದ್ರೆ ಮಾಮೂಲಿ, ನಮ್ಮ ಹುಡುಗಿದು 9. ಮೇಡಂ ಸ್ಟೀಲ್ ಸ್ಕೇಲ್ ಹಿಡಿದು ನನಗೇ ಓದಿಸಿದ್ರು. ಇಷ್ಟು ಮುಂದಕ್ಕಿರೋ ಹಲ್ಲಿಗೆ ಬಿದ್ದಾಗ ಮುರಿಯೋ ಭಯ ಜಾಸ್ತಿ, ತುಟಿಯ ಮರೆ ಇರಲ್ವಲ್ಲ. ಹುಡುಗಿ ಚೆಂದ ಕಾಣ್ತಾಳೆ ಅನ್ನೋ ಮಾತು ಅವರು ಆಡಲೇ ಇಲ್ಲ, ಅದು ನನಗೆ ಇಷ್ಟ ಆಯ್ತು.

ಯಾಕೆ ಬಂತು ಅಂತ ಕೇಳಿದ್ದಕ್ಕೆ ವಂಶದಿಂದ ಬರೋದು ಮುಖ್ಯ ಅಂದ್ರು. ಬೆರಳು ಚೀಪೋದು, ಯಾವಾಗಲೂ ಬಾಯಲ್ಲೇ ಉಸಿರಾಡೋದು, ಹಾಲುಹಲ್ಲು ಹುಳುಕಾಗಿ ಹೊತ್ತಿಗೆ ಮುಂಚೆ ಕಿತ್ತಿಸಿಬಿಡೋದು, ಇವೂ ಸೇರ್ತವೆ. ಹಾಲುಹಲ್ಲು ಬೇಗ ಹೋದ್ರೆ ಅಕ್ಕಪಕ್ಕದ ಹಲ್ಲು ಆ ಜಾಗಕ್ಕೆ ಜರುಗಿ, ಕೆಳಗಿಂದ ಬರೋ ಹಲ್ಲಿಗೆ ದಾರಿ ಇರಲ್ಲ. "ಹೆಂಗೂ ಬೀಳೋ ಹಲ್ಲು, ಕಿತ್ತಾಕಿ" ಅನ್ನೋ ನಮ್ಮ ಊರ ಕಡೆ ಬುದ್ಧಿವಾದ ಸರಿಯಿಲ್ಲ ಅಂತಾಯ್ತು. ನಮ್ಮತ್ತೆ ಅಂತೂ ವಂಶ ಅನ್ನೋ ಮಾತು ಕೇಳಿ, "ನೋಡ್ದಾ, ನಾನು ಮೊದಲೇ ಹೇಳಿರಲಿಲ್ವಾ" ಅಂತ ಗೆದ್ದವರ ಹಾಗೆ ಕೂತ್ರು.

ಅವಳಿಗೆ ಆಗ 12 ವರ್ಷ, ದವಡೆ ಇನ್ನೂ ಬೆಳೀತಿತ್ತು. ಹಾಗಾಗಿ ಮೊದಲು ಕೊಟ್ಟಿದ್ದು ಕ್ಲಿಪ್ ಅಲ್ಲ, ಟ್ವಿನ್ ಬ್ಲಾಕ್. ಮೇಲೊಂದು ಕೆಳಗೊಂದು ಪ್ಲೇಟು, ಎರಡರ ಮೇಲೂ ಇಳಿಜಾರಿನ ಗಟ್ಟಿ ಬಿಲ್ಲೆ. ಬಾಯಿ ಮುಚ್ಚಬೇಕಂದ್ರೆ ಕೆಳದವಡೆ ತಾನಾಗೇ ಮುಂದಕ್ಕೆ ಬರಲೇಬೇಕು. 1977ರಲ್ಲಿ ಸ್ಕಾಟ್ಲೆಂಡಿನ ವಿಲಿಯಂ ಕ್ಲಾರ್ಕ್ ಅನ್ನೋರು ಮಾಡಿದ್ದು ಅಂತ ಮಗಳೇ ಫೋನಲ್ಲಿ ಹುಡುಕಿ ಹೇಳಿದಳು. ಬೆಳವಣಿಗೆ ಮುಗಿದ ಮೇಲೆ ಇದು ಕೆಲಸ ಮಾಡಲ್ಲ. ಆಗ ಹಲ್ಲು ಕಿತ್ತು ಜಾಗ ಮಾಡಬೇಕು, ತೀರಾ ಜಾಸ್ತಿ ಇದ್ರೆ ದವಡೆ ಆಪರೇಷನ್ನೇ ಗತಿ. "ಮದುವೆ ಹೊತ್ತಿಗೆ ನೋಡೋಣ" ಅಂತ ಮುಂದಕ್ಕೆ ಹಾಕೋರು ಇದನ್ನ ಸ್ವಲ್ಪ ಕಿವಿಗೆ ಹಾಕ್ಕೊಳ್ಳಿ.

ಮೊದಮೊದಲು ಪ್ಲೇಟ್ ಹಾಕ್ಕೊಂಡು ಅವಳಿಗೆ ಮಾತೇ ಹೊರಡ್ತಿರಲಿಲ್ಲ, ಸ ಅನ್ನೋದೆಲ್ಲ ಶ ಆಗ್ತಿತ್ತು, ಜೊಲ್ಲು ಬೇರೆ. ಊಟಕ್ಕೂ ತೆಗೆಯೋ ಹಾಗಿಲ್ಲ. ಮೇಲಿನ ಪ್ಲೇಟಿನ ನಡುವೆ ಸಣ್ಣ ಸ್ಕ್ರೂ, ಅದಕ್ಕೊಂದು ಕಡ್ಡಿಯಂಥ ಕೀಲಿ. ಡಾಕ್ಟರ್ ಹೇಳಿದ ದಿನ ರಾತ್ರಿ ಬಾಣದ ಗುರುತಿನ ಕಡೆಗೆ ಕಾಲು ಸುತ್ತು ತಿರುಗಿಸೋದು ನನ್ನ ಕೆಲಸ. ಹೊಲಿಗೆ ಮಷಿನ್ ಲೈಟಿನ ಕೆಳಗೆ ಅವಳನ್ನ ಕೂರಿಸಿ ತಿರುಗಿಸ್ತಿದ್ದೆ. ಪ್ಲೇಟ್ ಹಾಕ್ಕೊಂಡ ತಕ್ಷಣ ಅಂಗುಳ ಬಿಗಿ ಬಿಗಿ ಅಂತಿದ್ದಳು, ಬೆಳಗಾಗೋದ್ರೊಳಗೆ ಸರಿಹೋಗ್ತಿತ್ತು.

ಕ್ಲಿನಿಕ್ಕಿನವರು ಕೊಟ್ಟ ತಿನ್ನಬಾರದ ಪಟ್ಟಿಯಲ್ಲಿ ಪಿಜ್ಜಾ, ಪಾಪ್‌ಕಾರ್ನ್, ಚೂಯಿಂಗ್ ಗಮ್ ಅಂತ ಅಚ್ಚು ಹಾಕಿದ್ರು. ಆಲೂರಲ್ಲಿ ಕೂತು ಇದನ್ನ ಓದಿ ನಗು ಬಂತು. ನಮ್ಮಲ್ಲಿ ಬೇಕಾಗಿರೋದು ಚಕ್ಕುಲಿ, ನಿಪ್ಪಟ್ಟು, ಸೀಬೆಕಾಯಿ, ಕಬ್ಬು, ಸಂಕ್ರಾಂತಿ ಎಳ್ಳಿನ ಕೊಬ್ಬರಿ ಚೂರು, ಇವುಗಳ ಪಟ್ಟಿ. ಏನು ತಿನ್ನಬಹುದು ಅನ್ನೋದನ್ನ ನಮ್ಮತ್ತೆನೇ ಇತ್ಯರ್ಥ ಮಾಡಿದ್ರು: ಮುದ್ದೆ. ಅಗಿಯೋದೇ ಬೇಡ, ಬಸ್ಸಾರಲ್ಲಿ ಅದ್ದಿ ನುಂಗಿದ್ರೆ ಆಯ್ತು. ಈ ಮಾತನ್ನ ಮೇಡಂಗೆ ಹೇಳಿದಾಗ ಅವರು ಜೋರಾಗಿ ನಕ್ಕು, ಪಕ್ಕದ ಕುರ್ಚಿಯಲ್ಲಿದ್ದ ಪೇಷಂಟಿಗೂ ಅದನ್ನೇ ಹೇಳಿದ್ರು.

ಪ್ಲೇಟಿನ ಕೆಲಸ ಮುಗಿದಾಗ ಓವರ್‌ಜೆಟ್ 4ಕ್ಕೆ ಇಳಿದಿತ್ತು. ಈಗ ಹಲ್ಲಿಗೆ ಅಂಟಿಸೋ ಮೆಟಲ್ ಕ್ಲಿಪ್ ನಡೀತಿದೆ. ಮೊದಲು ತೆಳ್ಳನೆಯ ನಿಕಲ್ ಟೈಟಾನಿಯಂ ತಂತಿ, ಎಷ್ಟು ಬಾಗಿಸಿದ್ರೂ ತನ್ನ ಆಕಾರಕ್ಕೆ ವಾಪಸ್ ಬರುತ್ತೆ, ಬರ್ತಾ ಹಲ್ಲನ್ನೂ ಎಳ್ಕೊಂಡು ಬರುತ್ತೆ. ಆಮೇಲೆ ದಪ್ಪ ಸ್ಟೀಲ್ ತಂತಿ. ತಂತಿ ಬದಲಾಯಿಸಿದ ಮೇಲೆ ಎರಡು ಮೂರು ದಿನ ನೋವು ಇರುತ್ತೆ, ಗಂಜಿ, ಮುದ್ದೆ, ಮೊಸರನ್ನ. ಕೆನ್ನೆ ಒಳಗೆ ಉಜ್ಜಿ ಹುಣ್ಣಾದ್ರೆ ಮೇಣ ಕೊಡ್ತಾರೆ, ಚಿಟಿಕೆಯಷ್ಟು ಉಂಡೆ ಮಾಡಿ ಕ್ಲಿಪ್ಪಿನ ಮೇಲೆ ಒತ್ತಿದ್ರೆ ಸಾಕು. ಮೇಣದ ಡಬ್ಬಿ ಒಂದೂ ಸಲ ದುಡ್ಡಿಗೆ ಕೊಟ್ಟಿಲ್ಲ, ಕೇಳಿದಾಗೆಲ್ಲ ಸುಮ್ಮನೆ ಕೊಟ್ಟಿದ್ದಾರೆ.

ಇನ್ನು ಆ ಐದನೇ ಸ್ಟಾರ್. ಒಟ್ಟು 48 ಸಾವಿರ ಅಂದಿದ್ರು, ಕಂತಲ್ಲಿ ಕಟ್ತಿದೀವಿ, ಅದರ ಬಗ್ಗೆ ತಕರಾರಿಲ್ಲ. ಕ್ಲಿಪ್ ತೆಗೆದ ಮೇಲೆ ಹಲ್ಲು ಹಳೇ ಜಾಗಕ್ಕೆ ಹೋಗದ ಹಾಗೆ ರಿಟೇನರ್ ಹಾಕ್ಕೋಬೇಕು, ಅದಿಲ್ಲದೆ ಈ ಟ್ರೀಟ್‌ಮೆಂಟೇ ಮುಗಿಯಲ್ಲ. ಆ ರಿಟೇನರ್ 48 ಸಾವಿರದೊಳಗೆ ಬರಲ್ಲ, ಬೇರೆ ದುಡ್ಡು ಅಂತ ಗೊತ್ತಾಗಿದ್ದು ಅರ್ಧ ದಾರಿಗೆ ಬಂದ ಮೇಲೆ, ಅದೂ ನಾನಾಗಿ ಕೇಳಿದ್ದಕ್ಕೆ. ಮೊದಲ ದಿನವೇ ಚೀಟಿಯಲ್ಲಿ ಬರೆದು ಕೊಡೋಕೆ ಏನು ಕಷ್ಟ? ಸಹಿ ಹಾಕಿಸ್ಕೊಳ್ಳೋ ಒಪ್ಪಿಗೆ ಪತ್ರ ಪೂರ್ತಿ ಇಂಗ್ಲಿಷು. ಮೇಡಂ ಬಾಯಲ್ಲಿ ಅಷ್ಟು ಚೆನ್ನಾಗಿ ಕನ್ನಡದಲ್ಲಿ ಬಿಡಿಸಿ ಹೇಳ್ತಾರೆ, ಸಹಿ ಬೀಳೋ ಕಾಗದ ಮಾತ್ರ ಓದೋಕೆ ಬರಲ್ಲ. ಹಾಸನ ಜಿಲ್ಲೆಯ ಕ್ಲಿನಿಕ್ಕಿಗೆ ಒಂದು ಕನ್ನಡದ ಫಾರಂ ಭಾರ ಆಗಬಾರದು. ಮತ್ತೆ ಕಾಯಿಸೋದು: 11 ಗಂಟೆ ಅಂದ್ರೆ 12 ದಾಟುತ್ತೆ, ಶನಿವಾರ ಸ್ಕೂಲ್ ಮಕ್ಕಳೆಲ್ಲ ಬರೋದ್ರಿಂದ ಇನ್ನೂ ಜಾಸ್ತಿ.

ದುಡ್ಡಿನ ತಾಪತ್ರಯ ಇರೋರು ಮೊದಲು ಹಾಸನದಲ್ಲೇ ಇರೋ ಶ್ರೀ ಹಾಸನಾಂಬ ಡೆಂಟಲ್ ಕಾಲೇಜಲ್ಲಿ ವಿಚಾರಿಸಿ ನೋಡಿ. ನಮಗೂ ಆ ಯೋಚನೆ ಇತ್ತು, ಆದರೆ ನಾನು ಅಂಗಡಿ ಬಾಗಿಲು ಹಾಕಿ ಬರಬೇಕು, ಸಂಜೆ ಹೊತ್ತು ನೋಡೋ ಕಡೆಯೇ ಬೇಕಿತ್ತು.

ಇಲ್ಲಿಗೇ ಬರೋದಾದ್ರೆ ಬುಧವಾರ ಸಂಜೆ ಹಿಡೀರಿ. ಅಚ್ಚು ತಗೊಂಡ ಮೇಲೆ ಯಾವ ಕ್ಲಾಸು, ಓವರ್‌ಜೆಟ್ ಎಷ್ಟು, ಹಲ್ಲು ಕೀಳ್ತೀರಾ, ರಿಟೇನರ್ ಸೇರಿ ಎಷ್ಟು ಅಂತ ಕೇಳಿ, ಉತ್ತರವನ್ನ ಫೈಲಲ್ಲೇ ಬರೆಸ್ಕೊಳ್ಳಿ. ಹಾಸನಾಂಬೆ ಬಾಗಿಲು ತೆಗೆದಿರೋ ದಿನಗಳಲ್ಲಿ ಮಾತ್ರ ಅಪಾಯಿಂಟ್‌ಮೆಂಟ್ ಬೇಡ. ಆಗ ಬಸ್ಸಲ್ಲಿ ನಿಲ್ಲೋಕೂ ಜಾಗ ಸಿಗಲ್ಲ, ಹೊಸ ತಂತಿ ಕಟ್ಟಿಸ್ಕೊಂಡ ಮಗುವನ್ನ ಆ ನೂಕುನುಗ್ಗಲಲ್ಲಿ ವಾಪಸ್ ಕರ್ಕೊಂಡು ಬರೋದು ಯಾರಿಗೂ ಬೇಡ.