ರಂಗಶಂಕರ: ಏಳೂವರೆ ಅಂದರೆ ಏಳೂವರೆ

ಶಂಕರ್ ನಾಗ್ ಹೆಸರಿನ ಆಟೋ ನಿಲ್ದಾಣಗಳಿಗೆ ಈ ನಾಡಿನಲ್ಲಿ ಲೆಕ್ಕವಿಲ್ಲ. ಆಟೋದ ಹಿಂದಿನ ಗಾಜಿನಲ್ಲಿ ಅವರ ಮುಖ, ನವೆಂಬರ್ 9ರಂದು ಹೂವಿನ ಹಾರ, ಕೆಳಗೆ ‘ಶಂಕ್ರಣ್ಣ’ ಎಂಬ ಬರಹ. ಅವರು ಮೊದಲು ಕಲಿತ ಕಸುಬು ಸಂಜೆ ಸಂಜೆಯೂ ನಡೆಯುವುದನ್ನು ನೋಡಬೇಕಾದರೆ ಮಾತ್ರ ಬೆಂಗಳೂರಿನ ಜೆ.ಪಿ. ನಗರ 2ನೇ ಹಂತಕ್ಕೆ ಹೋಗಬೇಕು. ಅಲ್ಲಿರುವುದು ರಂಗಶಂಕರ. 2004ರ ಅಕ್ಟೋಬರ್‌ನಲ್ಲಿ ಬಾಗಿಲು ತೆರೆದ ನಾಟಕಮಂದಿರ. ಇದು ಸ್ಮಾರಕ ಅಂದುಕೊಂಡು ಹೋದರೆ ನಿರಾಸೆ, ನಾಟಕ ನೋಡಲು ಹೋದರೆ ಕೊಟ್ಟ ದುಡ್ಡು ವಸೂಲಿ.

ಮೊದಲು ಎಲ್ಲರನ್ನೂ ಕಾಡುವ ವಿಷಯ: ಸಮಯ. ಸಂಜೆಯ ಪ್ರದರ್ಶನ 7.30ಕ್ಕೆ. ಭಾನುವಾರ ಸಾಮಾನ್ಯವಾಗಿ ಮಧ್ಯಾಹ್ನ 3.30ಕ್ಕೂ ಒಂದು ಆಟ. ಹೊತ್ತಾಯಿತೆಂದರೆ ಬಾಗಿಲು ಮುಚ್ಚಿತು, ಆಮೇಲೆ ಬಂದವರಿಗೆ ಒಳಗೆ ಬಿಡುವುದಿಲ್ಲ. ಟಿಕೆಟ್ ಕೈಯಲ್ಲಿದ್ದರೂ ಇಲ್ಲ, ಸಿಲ್ಕ್ ಬೋರ್ಡ್ ಟ್ರಾಫಿಕ್‌ನಲ್ಲಿ ಸಿಕ್ಕಿಹಾಕಿಕೊಂಡೆ ಅಂದರೂ ಇಲ್ಲ, ದೊಡ್ಡ ಹೆಸರಿದ್ದರೂ ಇಲ್ಲ. ದುಡ್ಡೂ ವಾಪಸ್ ಬರುವುದಿಲ್ಲ. ಮುಖ್ಯ ಅತಿಥಿ ಬರುವ ತನಕ ನಾಟಕವನ್ನೇ ನಿಲ್ಲಿಸಿಕೊಂಡು ಕೂರುವ ಸಭೆಗಳ ಅಭ್ಯಾಸವಿರುವ ನಮಗೆ ಇದು ಮೊದಲ ಸಲ ದುರಹಂಕಾರದಂತೆ ಕಾಣಬಹುದು. ಒಳಗೆ ಕೂತ ಮೇಲೆ ಕಾರಣ ತಾನಾಗಿ ತಿಳಿಯುತ್ತದೆ. ಇಲ್ಲಿನ ರಂಗ ಪ್ರೇಕ್ಷಕರ ನಡುವಿಗೆ ಚಾಚಿಕೊಂಡಿದೆ, ಮೂರು ಕಡೆ ಜನ, ಆಸನಗಳು ಕಡಿದಾದ ಮೆಟ್ಟಿಲಿನಂತೆ ಮೇಲೇರುತ್ತವೆ. ಒಬ್ಬರು ತಡವಾಗಿ ಬಂದು ಸಾಲಿನಲ್ಲಿ ನುಸುಳಿದರೆ ಎದುರು ಬದಿಯವರಿಗೆಲ್ಲ ಅದೇ ನಾಟಕ. ಬಾಗಿಲ ಬೆಳಕು ಒಂದು ಗೆರೆ ಒಳಗೆ ಬಿದ್ದರೂ ಬೆಳಕು ವಿನ್ಯಾಸ ಮಾಡಿದವರ ಒಂದು ವಾರದ ಕೆಲಸ ನೀರುಪಾಲು.

ಆದ್ದರಿಂದ ಲೆಕ್ಕವನ್ನು ಹಿಂದಿನಿಂದ ಹಾಕಬೇಕು. ಆಸನ ಸಂಖ್ಯೆ ಇರುವುದಿಲ್ಲ, ಮೊದಲು ಬಂದವರಿಗೆ ಮೊದಲ ಜಾಗ. ಹೆಸರಾಂತ ತಂಡದ ನಾಟಕವಾದರೆ 7ಕ್ಕೇ ಸಾಲು ಕಟ್ಟುತ್ತದೆ. ಇಬ್ಬರಾದರೆ 7.10ಕ್ಕೆ ತಲುಪಿದರೂ ನಡೆದೀತು. ನಾಲ್ಕೈದು ಜನ ಒಟ್ಟಿಗೆ ಕೂರಬೇಕೆಂದರೆ 6.45 ದಾಟಬಾರದು. ಕರ್ಚೀಫು ಹಾಕಿ ಜಾಗ ಹಿಡಿಯುವ ಬಸ್ಸಿನ ವಿದ್ಯೆ ಇಲ್ಲಿ ಮುಖ ಕೆಡಿಸುತ್ತದೆ, ಬೇಡ. ಏನಾದರೂ ತಿನ್ನುವ ಯೋಚನೆಯಿದ್ದರೆ 6.30ಕ್ಕೇ ಬನ್ನಿ. ಯಾಕೆಂದು ಮುಂದೆ ಹೇಳುತ್ತೇವೆ.

ಎಲ್ಲಿ ಕೂರಬೇಕು? ಇಡೀ ಮಂದಿರದಲ್ಲಿ ಇರುವುದು ಮುನ್ನೂರು ಚಿಲ್ಲರೆ ಆಸನ, ಹಾಗಾಗಿ ‘ದೂರ’ ಎನ್ನುವಂಥ ಜಾಗವೇ ಇಲ್ಲ. ಸಮಸ್ಯೆ ಕೋನದ್ದು. ಚಾಚಿದ ರಂಗಕ್ಕೆ ಹೊಂದಿಸಿ ಕಟ್ಟಿದ ನಾಟಕವಾದರೆ ಬದಿಯ ಆಸನಗಳೂ ಚೆನ್ನ, ನಟರ ಉಸಿರು ಕೇಳುವಷ್ಟು ಹತ್ತಿರ. ಎದುರಿನಿಂದಷ್ಟೇ ನೋಡುವ ಚೌಕಟ್ಟಿನ ರಂಗಕ್ಕೆಂದು ಕಟ್ಟಿ, ಬೇರೆ ಊರಿನಲ್ಲಿ ಆಡಿ ಇಲ್ಲಿಗೆ ತಂದ ನಾಟಕವಾದರೆ ಬದಿಯಲ್ಲಿ ಕೂತವರಿಗೆ ಅರ್ಧ ಹೊತ್ತು ಬೆನ್ನೇ ದರ್ಶನ. ಎದುರು ಭಾಗದ ನಾಲ್ಕರಿಂದ ಏಳನೇ ಸಾಲು ಎಲ್ಲ ಬಗೆಯ ನಾಟಕಕ್ಕೂ ನಿಶ್ಚಿಂತೆ. ಮೊದಲ ಸಾಲು ಉಮೇದಿನವರಿಗೆ ಸರಿ, ಆದರೆ ಗುಂಪಿನ ಚಲನೆ, ಹಾಡು ಕುಣಿತ ಹೆಚ್ಚಿರುವ ನಾಟಕದಲ್ಲಿ ಅಲ್ಲಿಂದ ಒಟ್ಟು ಚಿತ್ರ ಸಿಗುವುದಿಲ್ಲ. ಮಂಡಿ ನೋವಿನ ಹಿರಿಯರ ಜೊತೆ ಬಂದರೆ ಮೇಲಿನ ಸಾಲುಗಳ ಆಸೆ ಬಿಡಿ. ಮೆಟ್ಟಿಲು ಕಡಿದು, ನಾಟಕ ಮುಗಿದಾಗ ಇಳಿಯುವ ಜನ ಹಿಂದಿನಿಂದ ಒತ್ತುತ್ತಾರೆ.

ಇಲ್ಲಿನ ನಿಜವಾದ ಹೆಗ್ಗಳಿಕೆ ಧ್ವನಿ. ಸಾಮಾನ್ಯವಾಗಿ ಮೈಕು ಇಲ್ಲದೇ ಆಡುತ್ತಾರೆ, ಪಿಸುಮಾತು ಕೊನೆಯ ಸಾಲಿಗೆ ಮುಟ್ಟುತ್ತದೆ. ಅದೇ ಗುಣ ತಿರುಗುಬಾಣವೂ ಹೌದು: ನಿಮ್ಮ ಕೆಮ್ಮು, ಚಕ್ಕುಲಿ ಪೊಟ್ಟಣದ ಸದ್ದು, ಜೇಬಿನಲ್ಲಿ ಗುಂಯ್ಗುಡುವ ಮೊಬೈಲು, ಎಲ್ಲವೂ ರಂಗಕ್ಕೆ ಕೇಳುತ್ತದೆ. ಮೊಬೈಲನ್ನು ಸೈಲೆಂಟ್‌ಗೆ ಹಾಕಿದರೆ ಸಾಲದು, ಆಫ್ ಮಾಡಬೇಕು. ಕತ್ತಲಲ್ಲಿ ಪರದೆ ಹೊತ್ತಿತೆಂದರೆ ಮೂರು ಬದಿಯವರಿಗೂ ನಿಮ್ಮ ಮುಖ ಕಾಣುತ್ತದೆ, ನಟನಿಗಂತೂ ಕಣ್ಣಿಗೆ ಚುಚ್ಚುತ್ತದೆ. ಫೋಟೋ, ವಿಡಿಯೋ, ತಿಂಡಿ ಯಾವುದಕ್ಕೂ ಒಳಗೆ ಅವಕಾಶವಿಲ್ಲ. ಪುಟ್ಟ ಮಕ್ಕಳನ್ನು ಕರೆದೊಯ್ಯುವ ಮುನ್ನ ಆ ನಾಟಕಕ್ಕೆ ವಯಸ್ಸಿನ ಮಿತಿ ಎಷ್ಟೆಂದು ಟಿಕೆಟ್ ಪುಟದಲ್ಲಿ ನೋಡಿಕೊಳ್ಳಿ. ಮಕ್ಕಳಿಗೆಂದೇ ಬೇರೆ ನಾಟಕಗಳನ್ನು ಆಡಿಸುತ್ತಾರೆ, ಅಲ್ಲಿ ವಾತಾವರಣವೇ ಬೇರೆ.

ಟಿಕೆಟ್ ಆನ್‌ಲೈನಲ್ಲೂ ಸಿಗುತ್ತದೆ, ಅಲ್ಲಿನ ಕಿಟಕಿಯಲ್ಲೂ ಸಿಗುತ್ತದೆ. ಕಿಟಕಿಯಲ್ಲಿ ಕೊಂಡರೆ ಆನ್‌ಲೈನ್ ಶುಲ್ಕ ಉಳಿಯುತ್ತದೆ, ಆದರೆ ಶನಿವಾರ ಭಾನುವಾರ ಅದನ್ನೇ ನಂಬಿಕೊಂಡು ಹೋಗುವುದು ಜೂಜು. ಬೆಲೆ ನಾಟಕದಿಂದ ನಾಟಕಕ್ಕೆ ಬೇರೆ. ಇನ್ನೊಂದು ಮಾತು, ಕನ್ನಡ ಪ್ರೇಕ್ಷಕರು ಎಡವುವುದು ಇಲ್ಲೇ: ಭಾಷೆ. ಒಂದೇ ವಾರದಲ್ಲಿ ಕನ್ನಡ, ಇಂಗ್ಲಿಷ್, ಹಿಂದಿ ಹೀಗೆ ಬೇರೆ ಬೇರೆ ನಾಟಕಗಳಿರುತ್ತವೆ. ಕನ್ನಡ ಹೆಸರಿದ್ದ ಮಾತ್ರಕ್ಕೆ ನಾಟಕ ಕನ್ನಡದ್ದೇ ಎಂದೇನಿಲ್ಲ. ಭಾಷೆ, ಅವಧಿ, ಮಧ್ಯಂತರ ಉಂಟೋ ಇಲ್ಲವೋ, ಈ ಮೂರನ್ನೂ ನೋಡಿಯೇ ಕೊಳ್ಳಿ. ವಾರಾಂತ್ಯದ ಒಳ್ಳೆಯ ದಿನಗಳು ಕನ್ನಡಕ್ಕೆ ಇನ್ನಷ್ಟು ಸಿಗಬೇಕು ಎಂಬ ದೂರು ಹಳೆಯದು, ನಮ್ಮ ಮಟ್ಟಿಗೆ ನ್ಯಾಯವಾದದ್ದೂ ಹೌದು.

ಈಗ ತಿಂಡಿ. ಆವರಣದ ಕೆಫೆಯ ಅಕ್ಕಿರೊಟ್ಟಿ ಮತ್ತು ಸಬ್ಬಕ್ಕಿ ವಡೆಗೆ ನಾಟಕದಷ್ಟೇ ಅಭಿಮಾನಿಗಳು. ಅಕ್ಕಿರೊಟ್ಟಿ ಕಾವಲಿಯ ಮೇಲೆ ನಿಧಾನವಾಗಿ ಬೇಯಬೇಕಾದ ವಸ್ತು. ಏಳು ಗಂಟೆಗೆ ಐವತ್ತು ಜನ ಒಟ್ಟಿಗೆ ಕೇಳಿದರೆ ಐವತ್ತನೆಯವನ ತಟ್ಟೆ ಬರುವ ಹೊತ್ತಿಗೆ ಬಾಗಿಲ ಬಳಿ ಜನ ಕದಲಿರುತ್ತಾರೆ. ಬಿಸಿ ರೊಟ್ಟಿಯನ್ನು ಅರ್ಧಕ್ಕೆ ಬಿಟ್ಟು ಓಡುವವರ ಮುಖ ನೋಡುವಂತಿರುತ್ತದೆ. 6.30ಕ್ಕೆ ಬಂದವರಿಗೆ ಈ ಸಂಕಟವಿಲ್ಲ. ತಡವಾದರೆ ವಡೆ ಮತ್ತು ಚಹಾಕ್ಕೆ ಸಮಾಧಾನಪಟ್ಟುಕೊಳ್ಳಿ, ಅವು ಬೇಗ ಸಿಗುತ್ತವೆ. ರೊಟ್ಟಿಯನ್ನು ನಾಟಕದ ನಂತರಕ್ಕೆ ಇಟ್ಟುಕೊಳ್ಳುವವರು ಕೆಫೆ ಎಷ್ಟು ಹೊತ್ತಿನವರೆಗೆ ಇರುತ್ತದೆಂದು ಮೊದಲೇ ಕೇಳಿಟ್ಟುಕೊಳ್ಳುವುದು ಒಳ್ಳೆಯದು.

ಕಾರು ತರಬೇಡಿ. ಮನೆಗಳ ನಡುವಿನ ಅಡ್ಡರಸ್ತೆಯಲ್ಲಿರುವ ಕಟ್ಟಡ, ಮುನ್ನೂರು ಜನರ ಪೈಕಿ ನೂರು ಜನ ಕಾರು ತಂದರೂ ಸುತ್ತಲಿನ ರಸ್ತೆಗಳು ತುಂಬಿಹೋಗುತ್ತವೆ. ಜಾಗ ಹುಡುಕುತ್ತ ಸುತ್ತು ಹಾಕಿ ಐದು ನಿಮಿಷ ತಡವಾದವರೇ ಬಾಗಿಲ ಹೊರಗೆ ಉಳಿಯುವವರಲ್ಲಿ ಹೆಚ್ಚು. ಯಾರದೋ ಗೇಟಿನ ಮುಂದೆ ನಿಲ್ಲಿಸಿ ನಾಟಕದ ಮಧ್ಯೆ ಗಾಡಿ ಚಿಂತೆ ಮಾಡುವುದಂತೂ ಬೇಡವೇ ಬೇಡ. ಮೆಟ್ರೋ ಹಸಿರು ಮಾರ್ಗದ ಜಯಪ್ರಕಾಶ ನಗರ ನಿಲ್ದಾಣದಲ್ಲಿ ಇಳಿದು ಅಲ್ಲಿಂದ ಆಟೋ ಹಿಡಿಯುವುದು ಸರಳ. ವೈಟ್‌ಫೀಲ್ಡ್ ಕಡೆಯಿಂದ ಬರುವವರು ನೇರಳೆ ಮಾರ್ಗದಲ್ಲಿ ಮೆಜೆಸ್ಟಿಕ್‌ಗೆ ಬಂದು ಗಾಡಿ ಬದಲಿಸಬೇಕು, ಆಟೋ ಸೇರಿ ಒಂದೂಮುಕ್ಕಾಲು ಗಂಟೆ ಇಟ್ಟುಕೊಳ್ಳಿ. ಬೆಂಗಳೂರಿಗೆ ಮೆಟ್ರೋ ಬೇಕೆಂದು 1980ರ ದಶಕದಲ್ಲೇ ಓಡಾಡಿದವರಲ್ಲಿ ಶಂಕರ್ ಒಬ್ಬರು. ನಗರದ ಮೊದಲ ರೈಲು ಓಡಿದ್ದು 2011ರಲ್ಲಿ, ಈ ಕಡೆಗೆ ಹಸಿರು ಮಾರ್ಗ ಬಂದದ್ದು 2017ರಲ್ಲಿ. ಅವರ ಹೆಸರಿನ ನಾಟಕಮಂದಿರಕ್ಕೆ ಮೆಟ್ರೋದಲ್ಲಿ ಬಂದು, ಅವರ ಚಿತ್ರ ಅಂಟಿಸಿದ ಆಟೋದಲ್ಲಿ ಕೊನೆಯ ಹಾದಿ ಸಾಗುವುದು ಇವತ್ತು ಮಾಮೂಲಿ ಸಂಗತಿ.

ಆ ಮನುಷ್ಯನ ಬಗ್ಗೆ ಸ್ವಲ್ಪ ತಿಳಿದಿದ್ದರೆ ಕಟ್ಟಡದ ಹಟ ಅರ್ಥವಾಗುತ್ತದೆ. 1954ರ ನವೆಂಬರ್ 9ರಂದು ಹುಟ್ಟಿದ, ಹೊನ್ನಾವರ ಸೀಮೆಯ ಹುಡುಗ. ಮುಂಬೈಗೆ ಹೋಗಿ ಬ್ಯಾಂಕಿನ ನೌಕರಿ, ಸಂಜೆ ಮರಾಠಿ ರಂಗಭೂಮಿ. ಮುಂದೆ ಹೆಂಡತಿಯಾದ ಅರುಂಧತಿಯವರ ಪರಿಚಯವಾದದ್ದೂ ಅಲ್ಲಿನ ನಾಟಕದ ನಂಟಿನಿಂದಲೇ. 1978ರಲ್ಲಿ ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ ಚಿತ್ರದ ಗಂಡುಗಲಿಯಾಗಿ ಬೆಳ್ಳಿತೆರೆಗೆ ಬಂದರು. ಆ ಪಾತ್ರಕ್ಕೆ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಬಂತು. ಅಲ್ಲಿಂದ 1990ರವರೆಗೆ ಹನ್ನೆರಡೇ ವರ್ಷ. ಅಷ್ಟರಲ್ಲಿ 80ರ ಆಸುಪಾಸು ಚಿತ್ರಗಳಲ್ಲಿ ನಟನೆ, ನಿರ್ದೇಶನ, ಸಂಕೇತ್ ಹೆಸರಿನ ನಾಟಕ ತಂಡ, ಅದೇ ಹೆಸರಿನ ಧ್ವನಿಮುದ್ರಣ ಸ್ಟುಡಿಯೋ. ಹಗಲು ಹೊಡೆದಾಟದ ಚಿತ್ರ, ರಾತ್ರಿ ನಾಟಕದ ತಾಲೀಮು. ‘ಅಂಜುಮಲ್ಲಿಗೆ’, ‘ಬ್ಯಾರಿಸ್ಟರ್’, ‘ನಾಗಮಂಡಲ’ದಂಥ ನಾಟಕಗಳು ಬಂದದ್ದು ಸಿನಿಮಾದಿಂದ ನಿವೃತ್ತಿಯಾದ ಮೇಲಲ್ಲ, ಆ ಗಡಿಬಿಡಿಯ ನಡುವೆಯೇ.

1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಬಳಿಯ ಆನಗೋಡಿನಲ್ಲಿ ಕಾರು ಅಪಘಾತ. 36 ತುಂಬಲು 40 ದಿನ ಬಾಕಿಯಿತ್ತು. ಅದೇ ಕಾರಿನಲ್ಲಿದ್ದು ಬದುಕುಳಿದ ಅರುಂಧತಿ ನಾಗ್ ಅವರಿಗೆ ಸಂಕೇತ್ ಟ್ರಸ್ಟ್ ಮೂಲಕ ಈ ಮಂದಿರ ಎಬ್ಬಿಸಲು ಹದಿನಾಲ್ಕು ವರ್ಷ ಹಿಡಿಯಿತು. ವಾಸ್ತುಶಿಲ್ಪಿ ಶಾರೂಖ್ ಮಿಸ್ತ್ರಿ. ‘ದಿನಕ್ಕೊಂದು ನಾಟಕ’ ಎಂಬುದು ಮೊದಲಿನಿಂದ ಹಿಡಿದ ಗುರಿ. ತಂಡಗಳಿಗೆ ಬಾಡಿಗೆ ಭಾರವಾಗಬಾರದು ಎಂಬುದೂ ಅಷ್ಟೇ ಹಳೆಯ ನೀತಿ. ಮದುವೆ ಛತ್ರದ ದರದಲ್ಲಿ ಸಭಾಂಗಣ ಬಾಡಿಗೆಗೆ ಕೊಡುವ ಊರಿನಲ್ಲಿ ಇದು ಸಣ್ಣ ಮಾತಲ್ಲ.

ಇಲ್ಲಿ ಆಡಲು ಬರುವ ತಂಡಗಳಿಗೂ ಎರಡು ಮಾತು. ರವೀಂದ್ರ ಕಲಾಕ್ಷೇತ್ರದ ಚೌಕಟ್ಟಿಗೆ ಮಾಡಿದ ರಂಗಸಜ್ಜಿಕೆಯನ್ನು ಹಾಗೇ ಎತ್ತಿ ತಂದರೆ ಕೆಡುತ್ತದೆ. ಮುಂಭಾಗಕ್ಕೆ ಎತ್ತರದ ಬೆನ್ನಿನ ಕುರ್ಚಿ, ಕಪಾಟು ಇಟ್ಟಿರೋ, ಒಂದು ಬದಿಯವರಿಗೆ ದೃಶ್ಯವೇ ಹೋಯಿತು. ಎತ್ತರದ್ದೆಲ್ಲ ಹಿಂದಕ್ಕೆ, ಮುಂದೆ ಮೊಣಕಾಲೆತ್ತರದ್ದು ಮಾತ್ರ. ಪರದೆ ಎಳೆದು ದೃಶ್ಯ ಬದಲಿಸುವ ಅನುಕೂಲ ಇಂಥ ರಂಗದಲ್ಲಿ ಇರುವುದಿಲ್ಲ. ಕತ್ತಲೆ ಮಾಡಿ ಸಾಮಾನು ಸಾಗಿಸಬೇಕು, ಆ ಕತ್ತಲಲ್ಲೂ ಮೊದಲ ಸಾಲಿಗೆ ಎಲ್ಲ ಕಾಣುತ್ತದೆ. ಹಾಗಾಗಿ ಸಾಮಾನು ಸಾಗಣೆಯನ್ನೂ ತಾಲೀಮು ಮಾಡಿ. ಎದುರಿಗೇ ನೋಡಿ ಮಾತಾಡುವ ರೂಢಿಯ ನಟರು ಪ್ರತಿ ಎರಡು ಮೂರು ಮಾತಿಗೊಮ್ಮೆ ದೇಹದ ಕೋನ ಬದಲಿಸುವುದನ್ನು ಅಭ್ಯಾಸ ಮಾಡಿಕೊಳ್ಳಬೇಕು. ಧಾರಾವಾಹಿಯಿಂದ ಬಂದ ನಟರಿಗೆ ಇದು ಕಷ್ಟ, ಕ್ಯಾಮೆರಾ ಎಲ್ಲಿದೆ ಎಂದು ಹುಡುಕುವ ಕಣ್ಣು ಅಷ್ಟು ಬೇಗ ಬಿಡುವುದಿಲ್ಲ. ಕೂಗುವ ಅಗತ್ಯವಂತೂ ಇಲ್ಲ. ಕಲಾಕ್ಷೇತ್ರದ ಗಂಟಲನ್ನು ಇಲ್ಲಿ ಬಳಸಿದರೆ ಪ್ರೇಕ್ಷಕರು ಹಿಂದಕ್ಕೆ ಒರಗುತ್ತಾರೆ.

ಶಂಕರ್ ನಾಗ್ ಬದುಕಿನ ವಸ್ತುಪ್ರದರ್ಶನ ನೋಡಬೇಕೆಂದು ದೂರದಿಂದ ಬರುವ ಅಭಿಮಾನಿಗಳು ಯೋಜನೆ ಬದಲಿಸಿಕೊಳ್ಳಲಿ. ಇದು ದುಡಿಯುವ ಮಂದಿರ, ವಸ್ತುಸಂಗ್ರಹಾಲಯ ಅಲ್ಲ. ಅಂಥವರಿಗೆ ಹೊಸನಗರ ತಾಲ್ಲೂಕಿನ ಅರಸಾಳು ರೈಲು ನಿಲ್ದಾಣ ಹೆಚ್ಚು ಕೊಡುತ್ತದೆ. ಶಂಕರ್ ನಿರ್ದೇಶಿಸಿದ, ದೂರದರ್ಶನದ ‘ಮಾಲ್ಗುಡಿ ಡೇಸ್’ ಧಾರಾವಾಹಿಯಲ್ಲಿ ಮಾಲ್ಗುಡಿ ನಿಲ್ದಾಣವಾಗಿದ್ದು ಅದೇ. ಅದರ ಕಲಾ ನಿರ್ದೇಶಕರಾಗಿದ್ದ ಜಾನ್ ದೇವರಾಜ್ ಅವರ ಕೈಯಲ್ಲೇ ಹಳೆಯ ಕಟ್ಟಡ 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಆಯಿತು. ಅಲ್ಲಿಂದ ಅದೇ ಧಾರಾವಾಹಿಯ ಚಿತ್ರೀಕರಣ ನಡೆದ ಆಗುಂಬೆಯ ದೊಡ್ಡಮನೆಗೂ ಹೋಗಿ ಬರಬಹುದು. ಆದರೆ ಶಿವಮೊಗ್ಗ–ತಾಳಗುಪ್ಪ ಮಾರ್ಗದಲ್ಲಿ ರೈಲುಗಳು ಕಡಿಮೆ, ವೇಳಾಪಟ್ಟಿ ನೋಡದೆ ಹೊರಡಬೇಡಿ.

ಮನೆಯಲ್ಲೇ ನೋಡುವುದಾದರೆ, ರಂಗಶಂಕರಕ್ಕೆ ಹೋಗುವ ಮುನ್ನ ‘ಮಿಂಚಿನ ಓಟ’ ನೋಡಿ. 1980ರ ಚಿತ್ರ, ಶಂಕರ್ ಮೊದಲು ನಿರ್ದೇಶಿಸಿದ್ದು. ಕಟ್ಟೆ, ಟೋನಿ, ತಾತ, ಈ ಮೂವರು ಕಾರುಗಳ್ಳರಾಗಿ ಅನಂತ್ ನಾಗ್, ಶಂಕರ್, ಲೋಕನಾಥ್. ಮೂವರೂ ನಾಟಕದ ಮಣ್ಣು ಮೆಟ್ಟಿದವರು. ಒಬ್ಬರ ಮಾತನ್ನು ಇನ್ನೊಬ್ಬರು ಕೇಳಿಸಿಕೊಳ್ಳುವ ರೀತಿ ಗಮನಿಸಿ, ಅದು ರಂಗದ ಮೇಲೆ ಕಲಿತದ್ದು. ಆಮೇಲೆ 1985ರ ‘ಆಕ್ಸಿಡೆಂಟ್’. ‘ಮಾಲ್ಗುಡಿ ಡೇಸ್’ನ ಸ್ವಾಮಿ ಕಂತುಗಳಲ್ಲಿ ಮಾಸ್ಟರ್ ಮಂಜುನಾಥ್‌ನಿಂದ ಅಷ್ಟು ಸಹಜ ಕೆಲಸ ತೆಗೆದದ್ದೂ ಅದೇ ಕೈ. ಹೊಡೆದಾಟದ ಚಿತ್ರಗಳಲ್ಲಿ ಹಲವನ್ನು ಬಿಟ್ಟರೆ ನಷ್ಟವಿಲ್ಲ. ಅಭಿಮಾನಿಗಳು ಕ್ಷಮಿಸಬೇಕು, ಅವುಗಳಲ್ಲಿ ಒಳ್ಳೆಯದಿದ್ದರೆ ಅದು ಶಂಕರ್ ಅವರ ಚುರುಕು, ಕಥೆಯದಲ್ಲ.

ನಾಟಕ ಒಂಬತ್ತು, ಒಂಬತ್ತೂವರೆಗೆ ಮುಗಿದರೆ ವಾಪಸ್ಸಿಗೆ ಮೆಟ್ರೋ ಇರುತ್ತದೆ. ಆದರೆ ಮುನ್ನೂರು ಜನ ಒಟ್ಟಿಗೆ ಹೊರಬಂದು ಆಟೋ ಆ್ಯಪ್ ತೆರೆಯುವುದರಿಂದ ಬಾಗಿಲಲ್ಲಿ ದರ ಏರಿರುತ್ತದೆ. ಮುಖ್ಯರಸ್ತೆಯವರೆಗೆ ನಡೆದರೆ ಮೀಟರಿಗೆ ಬರುವ ಆಟೋ ಸಿಕ್ಕೀತು. ಸೋಮವಾರ ಮಾತ್ರ ಹೋಗಬೇಡಿ, ಅವತ್ತು ರಜಾ.