ಆಯುಧಪೂಜೆಗೆ ವರ್ಕ್‌ಶಾಪ್ ನೆಲ ತೊಳೆಸೋರು ಇದನ್ನ ಓದಿ

ಬೆಂಗಳೂರಿನ ಕಾಮಾಕ್ಷಿಪಾಳ್ಯದಲ್ಲಿ ನನ್ನದೊಂದು ಸಣ್ಣ ಲೇತ್ (ಕಬ್ಬಿಣವನ್ನು ತಿರುಗಿಸಿ ಕಡೆಯುವ ಮಷಿನ್) ಶೆಡ್ ಇದೆ. ನಾಚಿಕೆ ಬಿಟ್ಟು ಬರೆಯುತ್ತಿದ್ದೇನೆ. 18 ವರ್ಷದಿಂದ ಕಬ್ಬಿಣದ ಜೊತೆ ಏಗುತ್ತಿರುವವನು ಒಂದು ಕ್ಯಾನ್ ಆಸಿಡ್‌ಗೆ ಟೋಪಿ ಹಾಕಿಸಿಕೊಂಡೆ.

ಲೇತ್ ಕೆಳಗೆ ಕಟಿಂಗ್ ಆಯಿಲ್, ಗ್ರೀಸ್ ಇಳಿದು ಇಳಿದು ಸಿಮೆಂಟ್ ನೆಲ ಟಾರ್ ರೋಡ್ ಥರ ಆಗಿತ್ತು. ಹಬ್ಬಕ್ಕೆ ಕ್ಲೀನ್ ಮಾಡಿಸೋಣ ಅಂತ ಒಬ್ಬನನ್ನು ಕರೆದೆ. ಸ್ಕ್ವೇರ್ ಫೀಟಿಗೆ 12 ರೂಪಾಯಿ, 400 ಅಡಿಗೆ 4,800. ಅರ್ಧ ಅಡ್ವಾನ್ಸ್. ರೇಟಿನ ಬಗ್ಗೆ ತಕರಾರಿಲ್ಲ.

ಡೆಮೊ ತೋರಿಸಿದ ನೋಡಿ, ಅಲ್ಲೇ ನಾನು ಬಿದ್ದಿದ್ದು. ಷಟರ್ ಪಕ್ಕ ಒಂದು ಮೊಳ ಜಾಗಕ್ಕೆ ನೀಲಿ ಕ್ಯಾನಿನಿಂದ ಏನೋ ಸುರಿದ. ಕ್ಯಾನ್ ಮೇಲೆ ಲೇಬಲ್ಲೇ ಇಲ್ಲ. ಬುಸ್ ಅಂತ ನೊರೆ ಬಂತು. "ನೊರೆ ಬರ್ತಿದೆ ಅಂದ್ರೆ ಎಣ್ಣೆ ಬಿಡ್ತಿದೆ ಸಾರ್" ಅಂದ. ತೊಳೆದರೆ ನೆಲ ಬೆಳ್ಳಗೆ. ನಾನು ಬಾಯಿ ಬಿಟ್ಟುಕೊಂಡು ನೋಡಿದೆ. ಷಟರ್ ಪಕ್ಕ ಎಣ್ಣೆ ಎಲ್ಲಿತ್ತು? ಬರೀ ಧೂಳು! ಅದು ನನ್ನ ತಲೆಗೆ ಹೊಳೆದಿದ್ದು ರಾತ್ರಿ ಮನೆಗೆ ಹೋದಮೇಲೆ.

ಕೆಲಸ ನಡೆಯುವಾಗ ಕಣ್ಣು ಉರಿಯಿತು, ಕಾಫಿ ಕುಡಿಯಲು ಹೊರಗೆ ಹೋದೆ. ಬಂದಾಗ ನೆಲ ಒದ್ದೆ, ಪಳಪಳ. ಒದ್ದೆ ಇದ್ದಾಗ ಯಾವ ನೆಲ ಚೆನ್ನಾಗಿ ಕಾಣಲ್ಲ ಹೇಳಿ? ಪೂರ್ತಿ ದುಡ್ಡು ಕೊಟ್ಟುಬಿಟ್ಟೆ.

ಬೆಳಿಗ್ಗೆ ಷಟರ್ ಎತ್ತಿದರೆ ಲೇತ್ ಕಾಲಿನ ಸುತ್ತ ಅದೇ ಕಪ್ಪು ಉಂಗುರ. ಕಲೆ ಇಲ್ಲದ ಕಡೆ ನೆಲ ಸವರಿದರೆ ಕೈಗೆ ಬಿಳಿ ಪುಡಿ. ಲೇತ್ ಬೆಡ್ (ಮಷಿನ್ನಿನ ಉದ್ದನೆಯ ಕಬ್ಬಿಣದ ತಳ) ಮೇಲೆ, ಚಕ್ (ಕಡೆಯುವ ತುಂಡನ್ನು ಹಿಡಿಯುವ ಭಾಗ) ಮೇಲೆ ಟೀ ಬಣ್ಣದ ತುಕ್ಕು. ಒಂದೇ ರಾತ್ರಿಯಲ್ಲಿ! ಪಕ್ಕದ ಪ್ಲೇಟಿಂಗ್ (ಲೋಹಕ್ಕೆ ಲೇಪ ಹಾಕುವ) ಶೆಡ್ಡಿನ ಹುಡುಗ ಬಾಗಿಲಲ್ಲೇ ನಿಂತು ಮೂಗು ಮುಚ್ಚಿಕೊಂಡ. "ಅಣ್ಣ, ಇಲ್ಲಿ ಆಸಿಡ್ ಹಾಕಿದ್ರಾ?" ಅವರು ತುಕ್ಕು ಬಿಡಿಸಲು ಬಳಸುವ ಹೈಡ್ರೋಕ್ಲೋರಿಕ್ ಆಸಿಡ್ಡೇ ಅದು. ಅದು ಎಣ್ಣೆಯನ್ನು ಮುಟ್ಟಲ್ಲ, ಸಿಮೆಂಟಿನ ಸುಣ್ಣವನ್ನು ತಿನ್ನುತ್ತದೆ. ನೊರೆ ಬಂದಿದ್ದು ಅದಕ್ಕೆ. ಹೊಗೆ ಹೋಗಿ ಕಬ್ಬಿಣಕ್ಕೆ ಕೂತಿತು.

ಕ್ಲೀನ್ ಮಾಡಿದವನಿಗೆ ಫೋನ್ ಮಾಡಿದೆ. "ಒಣಗಲಿ ಸಾರ್." ಒಣಗಿದೆ ಅಂದೆ. "ಹಳೇ ಎಣ್ಣೆ ಸಾರ್, ಇನ್ನೊಂದು ಕೋಟ್ ಬೇಕು, 8 ರೂಪಾಯಿ ಜಾಸ್ತಿ." ತುಕ್ಕು? "ಮಳೆ ಸಾರ್, ಬೆಂಗಳೂರು ವೆದರ್." ಶೆಡ್ ಒಳಗೆ ಮಳೆ! ಕೊನೆಗೆ, "ನೀವೇ ಸುಮ್ನೆ ಬ್ಲೀಚಿಂಗ್ ಪೌಡರ್ ಹಾಕಿ ಉಜ್ಜಿ." ಪ್ಲೇಟಿಂಗ್ ಹುಡುಗ ಕೇಳಿ ಬೆಚ್ಚಿಬಿದ್ದ. ಆಸಿಡ್ ಉಳಿದಿರುವ ಕಡೆ ಬ್ಲೀಚಿಂಗ್ ಬಿದ್ದರೆ ಕ್ಲೋರಿನ್ ಗ್ಯಾಸ್ ಏಳುತ್ತದೆ. ಕ್ಲೀನ್ ಮಾಡಿದ ಪುಣ್ಯಾತ್ಮ ಅದನ್ನೂ ಮಾಡಿಸುತ್ತಿದ್ದ.

ಡೆಮೊ ಕೇಳುವುದಾದರೆ ಮಷಿನ್ ಕೆಳಗಿನ ಅತಿ ಕೆಟ್ಟ ಕಲೆ ತೋರಿಸಿ. ಒಂದು ದಿನ ಒಣಗಿದಮೇಲೆ ನೋಡಿ. ಲೇಬಲ್ ಇಲ್ಲದ ಕ್ಯಾನ್ ಒಳಗೆ ಬಿಡಬೇಡಿ. ದುಡ್ಡು ಆಮೇಲೆ, ದಯವಿಟ್ಟು ಆಮೇಲೆ.

ಈಗ ನಾನೇ ಒಂದು ಮೂಲೆ ಮಾಡಿದೆ. ಮರದ ಹೊಟ್ಟು ಹರಡಿ ರಾತ್ರಿ ಬಿಟ್ಟೆ. ಗುಡಿಸಿ ಚೀಲಕ್ಕೆ ತುಂಬಿದೆ, ಮೋರಿಗೆ ಹಾಕಲಿಲ್ಲ. ಆಮೇಲೆ ಬಿಸಿನೀರು, ವಾಷಿಂಗ್ ಸೋಡಾ, ಬಟ್ಟೆ ಸೋಪಿನ ಪುಡಿ, ಗಟ್ಟಿ ಬ್ರಷ್, ಕೈಗೆ ಗ್ಲೌಸ್. ಎರಡು ಸಲ ಉಜ್ಜಿದಮೇಲೆ ಮುಕ್ಕಾಲು ಕಲೆ ಹೋಯಿತು. ಬೆಡ್ಡಿನ ತುಕ್ಕು ಮಾತ್ರ ಇನ್ನೂ ಉಜ್ಜುತ್ತಲೇ ಇದ್ದೇನೆ.